ಬಿಸಿನೆಲದ ಮನೆಯವರು

ನ್ಯೂಜಿಲೆಂಡಿನ ರೊಟೊರುವಾದಲ್ಲಿ ಪ್ರವಾಸಿಗಳಿಗೆ ಊರು ತೋರಿಸುವುದು ಮನೆತನದ ಕಸುಬು. ಅಜ್ಜಿಯ ಕೈಯಿಂದ ಮಗಳಿಗೆ, ಮಗಳಿಂದ ಮೊಮ್ಮಗಳಿಗೆ ದಾಟಿಕೊಂಡು ಬಂದದ್ದು. ಬಿಸಿನೀರು ಚಿಮ್ಮುವ ನೆಲ ಐಸ್‌ಲ್ಯಾಂಡಿನಲ್ಲಿದೆ, ಅಮೆರಿಕದ ಯೆಲ್ಲೊಸ್ಟೋನ್‌ನಲ್ಲೂ ಇದೆ. ಆದರೆ ಅಂಥ ನೆಲದ ಮೇಲೆಯೇ ಮನೆ ಕಟ್ಟಿಕೊಂಡು, ಅದರ ಹಬೆಯಲ್ಲೇ ಅನ್ನ ಬೇಯಿಸಿಕೊಂಡು, ಬಂದ ನೆಂಟರನ್ನು ತಾವೇ ಕರೆದೊಯ್ದು ‘ಇಲ್ಲಿ ಕಾಲಿಡಿ, ಅಲ್ಲಿ ಇಡಬೇಡಿ’ ಎಂದು ಹೇಳುವ ಜನರನ್ನು ನೋಡಬೇಕಾದರೆ ರೊಟೊರುವಾಕ್ಕೇ ಹೋಗಬೇಕು. ಆಕ್ಲೆಂಡಿನಿಂದ ಸುಮಾರು 230 ಕಿಲೋಮೀಟರ್, ಕಾರಿನಲ್ಲಿ ಮೂರು ಗಂಟೆಯ ಹಾದಿ. ಒಂದು ದಿನದಲ್ಲಿ ಬಿಸಿಬುಗ್ಗೆ, ಕಾಡು, ಇಲ್ಲಿನ ಮೂಲನಿವಾಸಿಗಳಾದ ಮಾವೋರಿಗಳ ಬದುಕು ಮೂರನ್ನೂ ಕಾಣಿಸುವ ಪ್ರವಾಸಗಳು ಇಲ್ಲಿ ನಡೆಯುತ್ತವೆ. ಅವುಗಳಲ್ಲಿ ನೋಡುವ ಜಾಗಗಳಷ್ಟೇ ಮುಖ್ಯ, ತೋರಿಸುವವರು ಯಾರು ಎಂಬುದು.

ಊರಿನ ದಕ್ಷಿಣದ ಅಂಚಿನಲ್ಲಿ ಪುಅರೆಂಗಾ ಎಂಬ ಹೊಳೆ ಹರಿಯುತ್ತದೆ. ಸೇತುವೆ ದಾಟಿದರೆ ಫಕರೇವರೇವಾ ಹಳ್ಳಿ. ಸೇತುವೆಯಿಂದ ಹುಡುಗರು ಹೊಳೆಗೆ ಹಾರಿ ಪ್ರವಾಸಿಗಳು ಎಸೆದ ನಾಣ್ಯಗಳನ್ನು ಮುಳುಗಿ ತೆಗೆಯುವುದು ಇಲ್ಲಿನ ಬಹಳ ಹಳೆಯ ರೂಢಿ. ಹಳ್ಳಿಯಲ್ಲಿ ಟೂಹೌರಂಗಿ ಮತ್ತು ನಾತಿ ವಾಹಿಯಾವೊ ಎಂಬ ಬಳಿಗಳ ಕುಟುಂಬಗಳು ವಾಸವಾಗಿವೆ. ಮನೆಗಳ ನಡುವೆ, ಅಂಗಳದ ಬೇಲಿಯ ಪಕ್ಕದಲ್ಲಿ, ಕಾಲುದಾರಿಯ ಬಿರುಕುಗಳಲ್ಲಿ ಎಲ್ಲೆಂದರಲ್ಲಿ ಹಬೆ ಏಳುತ್ತಿರುತ್ತದೆ. ಗಂಧಕದ ವಾಸನೆ ಮೂಗಿಗೆ ಅಡರುತ್ತದೆ; ಅರ್ಧ ಗಂಟೆ ಕಳೆದರೆ ಅದರ ನೆನಪೇ ಇರುವುದಿಲ್ಲ. ಗೈಡ್ ಆಗಿ ಮುಂದೆ ನಡೆಯುವ ಹೆಂಗಸು ಈ ಹಳ್ಳಿಯವಳೇ. ಇದು ನಮ್ಮ ದೊಡ್ಡಮ್ಮನ ಮನೆ, ಇದು ನಾವು ಮಿಂದು ಬೆಳೆದ ತೊಟ್ಟಿ ಎಂದು ಅವಳು ತೋರಿಸುವಾಗ, ಪ್ರದರ್ಶನಕ್ಕೆ ಸಿದ್ಧಪಡಿಸಿದ ಜಾಗದಲ್ಲಿ ನಾವಿಲ್ಲ ಎನ್ನುವುದು ಮನಸ್ಸಿಗೆ ಇಳಿಯುತ್ತದೆ.

ಅಡುಗೆಗೆ ಇಲ್ಲಿ ಒಲೆ ಹೊತ್ತಿಸಬೇಕಾಗಿಲ್ಲ. ಹಬೆಯ ಬಾಯಿಯ ಮೇಲೆ ಮರದ ಪೆಟ್ಟಿಗೆ ಕೂರಿಸಿ, ಅದರೊಳಗೆ ಮಾಂಸ, ಕುಂಬಳ, ಕುಮರಾ ಎಂಬ ಸಿಹಿಗೆಣಸು ಇಟ್ಟು ಮುಚ್ಚಿದರೆ ಮುಗಿಯಿತು. ನಮ್ಮ ಹಬ್ಬದ ದಿನದ ಕಡುಬಿನಂತೆ ಅದು ತನ್ನಷ್ಟಕ್ಕೆ ಬೇಯುತ್ತದೆ. ಈ ಬಗೆಯ ಅಡುಗೆಗೆ ಹಾಂಗಿ ಎಂದು ಹೆಸರು. ನೆಲದಲ್ಲಿ ಗುಂಡಿ ತೋಡಿ ಕಾದ ಕಲ್ಲಿನ ಮೇಲೆ ಬೇಯಿಸುವುದು ದೇಶದ ಉಳಿದ ಕಡೆಯ ಹಾಂಗಿ. ಇಲ್ಲಿ ಮಾತ್ರ ಭೂಮಿಯೇ ಬೆಂಕಿ. ಜೋಳದ ತೆನೆಗಳನ್ನು ಚೀಲದಲ್ಲಿ ಕಟ್ಟಿ ಕುದಿಯುವ ಕೊಳಕ್ಕೆ ಇಳಿಬಿಡುತ್ತಾರೆ. ಅದೇ ಕೊಳದಿಂದ ಉಕ್ಕುವ ನೀರನ್ನು ಸಣ್ಣ ಕಾಲುವೆಗಳಲ್ಲಿ ಹರಿಸಿ, ಆರಿಸಿ, ಬಯಲಿನ ತೊಟ್ಟಿಗಳಿಗೆ ತುಂಬಿಕೊಂಡು ಸಂಜೆ ಮೀಯುತ್ತಾರೆ.

ಈ ಬೆಂಕಿ ಎಲ್ಲಿಂದ ಬಂತು ಎನ್ನುವುದಕ್ಕೆ ಗೈಡ್ ಎರಡು ಉತ್ತರ ಹೇಳುತ್ತಾಳೆ. ಎರಡನ್ನೂ ಒಂದೇ ದನಿಯಲ್ಲಿ ಹೇಳುತ್ತಾಳೆ. ಅದು ನನಗೆ ಬಹಳ ಹಿಡಿಸಿತು. ಮೊದಲನೆಯದು ತೆ ಅರಾವಾ ದೋಣಿಯಲ್ಲಿ ಹವಾಯಿಕಿ ಎಂಬ ಮೂಲನಾಡಿನಿಂದ ಬಂದ ಪೂರ್ವಜರ ಕತೆ. ದೋಣಿಯ ಪುರೋಹಿತ ನಾಟೊರೊಇರಂಗಿ ಟೊಂಗರಿರೊ ಪರ್ವತ ಹತ್ತಿದಾಗ ಹಿಮದಲ್ಲಿ ಮರಗಟ್ಟಿ ಸಾಯುವಂತಾದ. ಬೆಂಕಿ ಕಳಿಸಿರೆಂದು ದೂರದ ಹವಾಯಿಕಿಯಲ್ಲಿದ್ದ ಅಕ್ಕತಂಗಿಯರನ್ನು ಕೂಗಿದ. ಅವರು ಬೆಂಕಿ ಹೊತ್ತು ಕಡಲ ಕೆಳಗಿಂದ ಬಂದರು. ದಾರಿಯಲ್ಲಿ ಎಲ್ಲೆಲ್ಲಿ ತಲೆಯೆತ್ತಿ ನೋಡಿದರೋ ಅಲ್ಲೆಲ್ಲ ನೆಲ ಕುದಿಯಿತು: ಮೊದಲು ಕಡಲ ನಡುವಿನ ಫಕಾರಿ ದ್ವೀಪ, ಆಮೇಲೆ ರೊಟೊರುವಾ, ಟೌಪೊ, ಕೊನೆಗೆ ಟೊಂಗರಿರೊ. ಎರಡನೆಯದು ಭೂವಿಜ್ಞಾನ. ಶಾಂತಸಾಗರದ ಭೂಫಲಕ ಇಲ್ಲಿ ಇನ್ನೊಂದರ ಕೆಳಗೆ ನುಗ್ಗುತ್ತಿದೆ, ಅದರಿಂದಾಗಿ ಟೊಂಗರಿರೊ ಕಡೆಯಿಂದ ಫಕಾರಿಯವರೆಗೆ ಜ್ವಾಲಾಮುಖಿಗಳ ಪಟ್ಟಿ ಹುಟ್ಟಿದೆ. ನಕ್ಷೆ ಬಿಡಿಸಿ ನೋಡಿದರೆ ಅಕ್ಕತಂಗಿಯರ ದಾರಿಯೂ ಈ ಪಟ್ಟಿಯೂ ಒಂದರ ಮೇಲೊಂದು ಕೂರುತ್ತವೆ. ರೊಟೊರುವಾದ ಕೆರೆ ಇರುವುದೂ ಸುಮಾರು 2,40,000 ವರ್ಷಗಳ ಹಿಂದೆ ಸ್ಫೋಟಗೊಂಡು ಕುಸಿದ ಜ್ವಾಲಾಮುಖಿಯ ಬಟ್ಟಲಿನಲ್ಲೇ.

ಹಳ್ಳಿಯ ಮಗ್ಗುಲಲ್ಲೇ ಪೊಹುಟು ಚಿಲುಮೆ ಇದೆ. 30 ಮೀಟರ್‌ವರೆಗೂ ನೀರು ಚಿಮ್ಮಿಸುತ್ತದೆ, ದಿನಕ್ಕೆ ಹಲವು ಬಾರಿ. ನೆಲದಾಳದಲ್ಲಿ ನೀರು ನೂರು ಡಿಗ್ರಿ ದಾಟಿ ಕಾದಿದ್ದರೂ ಮೇಲಿನ ನೀರಿನ ಭಾರ ಅದನ್ನು ಕುದಿಯಗೊಡುವುದಿಲ್ಲ. ಇಕ್ಕಟ್ಟಾದ ಬಿಲದ ಮೇಲ್ಭಾಗದಲ್ಲಿ ಸ್ವಲ್ಪ ನೀರು ಉಕ್ಕಿ ಹೊರಚೆಲ್ಲಿದಾಗ ಭಾರ ಇಳಿಯುತ್ತದೆ, ಕೆಳಗಿನದು ತಟ್ಟನೆ ಹಬೆಯಾಗಿ ಮೇಲಿನದನ್ನೆಲ್ಲ ಎತ್ತಿ ಒಗೆಯುತ್ತದೆ. ಪಕ್ಕದ ಪುಟ್ಟ ಚಿಲುಮೆಯೊಂದು ಮೊದಲು ಚಿಮ್ಮತೊಡಗಿದರೆ ಪೊಹುಟು ಇನ್ನೇನು ಏಳುತ್ತದೆ ಎಂದು ಲೆಕ್ಕ. ಹಳ್ಳಿಯವರಿಗೆ ಅದು ಗಡಿಯಾರ ನೋಡಿ ಹೇಳುವ ವಿಷಯವಲ್ಲ, ಕಿವಿಗೊಟ್ಟು ತಿಳಿಯುವ ವಿಷಯ.

ಇಲ್ಲಿನ ಗೈಡ್‌ಗಳ ಚರಿತ್ರೆ ಈ ಹಳ್ಳಿಯಲ್ಲಿ ಶುರುವಾದದ್ದಲ್ಲ. ಆಗ್ನೇಯಕ್ಕೆ, ಟರವೇರಾ ಬೆಟ್ಟದ ಕಡೆ, ತೆ ವೈರೋವಾ ಎಂಬ ಊರಿತ್ತು. ಅಲ್ಲಿಂದ ದೋಣಿಯಲ್ಲಿ ಹೋದರೆ ರೊಟೊಮಹಾನಾ ಕೆರೆಯ ದಂಡೆಯಲ್ಲಿ ಗುಲಾಬಿ ಮತ್ತು ಬಿಳಿ ಬಣ್ಣದ ಎರಡು ಮೆಟ್ಟಿಲುಸಾಲುಗಳು. ಬಿಸಿನೀರಿನಲ್ಲಿ ಕರಗಿದ ಸಿಲಿಕಾ ಶತಮಾನಗಳ ಕಾಲ ಪದರಪದರವಾಗಿ ಹೆಪ್ಪುಗಟ್ಟಿ ಆದದ್ದು. ಅದನ್ನು ನೋಡಲು ಇಂಗ್ಲೆಂಡಿನಿಂದ ತಿಂಗಳುಗಟ್ಟಲೆ ಹಡಗಿನಲ್ಲಿ ಜನ ಬರುತ್ತಿದ್ದರು. ದೋಣಿಯೂ ಟೂಹೌರಂಗಿಯವರದು, ಶುಲ್ಕವೂ ಅವರಿಗೆ, ಗೈಡ್‌ಗಳೂ ಅವರೇ. ಅವರ ಹಿನೆಮಿಹಿ ಎಂಬ ಕೆತ್ತನೆಯ ಮನೆಯ ಗೊಂಬೆಗಳ ಕಣ್ಣಿಗೆ ಚಿಪ್ಪಿನ ಬದಲು ಚಿನ್ನದ ನಾಣ್ಯ ಕೂರಿಸಿದ್ದರೆಂದರೆ ಸಂಪಾದನೆ ಹೇಗಿತ್ತು ಎಂದು ಊಹಿಸಬಹುದು. ಹೊರಗಿನ ಕಂಪನಿಗಳು ಬಂದು ನಡೆಸಿದ ಪ್ರವಾಸೋದ್ಯಮ ಇದಾಗಿರಲಿಲ್ಲ ಎಂಬುದನ್ನು ಒತ್ತಿ ಹೇಳಬೇಕು.

ಆ ಕಾಲದ ಮುಖ್ಯ ಗೈಡ್ ಸೋಫಿಯಾ ಹಿನೆರಂಗಿ. ತಾಯಿ ಮಾವೋರಿ, ತಂದೆ ಸ್ಕಾಟ್ಲೆಂಡಿನವನು. ಎರಡೂ ಭಾಷೆ ಬಲ್ಲವಳು. 1886ರ ಮೇ 31ರಂದು ಆಕೆ ಪ್ರವಾಸಿಗಳೊಂದಿಗೆ ಟರವೇರಾ ಕೆರೆ ದಾಟುವಾಗ, ಯಾರದೂ ಅಲ್ಲದ ಒಂದು ಯುದ್ಧದೋಣಿ ದೂರದಲ್ಲಿ ಕಾಣಿಸಿತಂತೆ. ಕೆರೆಯ ನೀರು ಏರಿಳಿದದ್ದೂ ಕಂಡಿತು. ಹನ್ನೊಂದನೆಯ ದಿನ, ಜೂನ್ 10ರ ನಸುಕಿನಲ್ಲಿ, ಟರವೇರಾ ಬೆಟ್ಟ ಸ್ಫೋಟಿಸಿ ಸೀಳಿತು. ಸುಮಾರು 17 ಕಿಲೋಮೀಟರ್ ಉದ್ದಕ್ಕೆ ನೆಲ ಬಾಯಿಬಿಟ್ಟಿತು. ಕೆರೆದಂಡೆಯ ಹಳ್ಳಿಗಳು ಹೂತುಹೋದವು, ಸುಮಾರು 120 ಜನ ಸತ್ತರು. ಜಗತ್ತು ನೋಡಲು ಬರುತ್ತಿದ್ದ ಮೆಟ್ಟಿಲುಗಳು ಒಂದೇ ರಾತ್ರಿಯಲ್ಲಿ ಇಲ್ಲವಾದವು. ಸೋಫಿಯಾಳ ಗಟ್ಟಿ ಛಾವಣಿಯ ಮನೆಯಲ್ಲಿ ಆಶ್ರಯ ಪಡೆದ ಸುಮಾರು 60 ಜನ ಬದುಕಿಕೊಂಡರು.

ಮನೆ, ಬೆಳೆ, ಸಂಪಾದನೆ ಎಲ್ಲ ಕಳೆದುಕೊಂಡ ಟೂಹೌರಂಗಿಯವರಿಗೆ ಫಕರೇವರೇವಾದ ನೆಂಟರು ಜಾಗ ಕೊಟ್ಟರು. ಕಸುಬು ಅವರ ಜೊತೆಗೇ ಬಂತು. ಸೋಫಿಯಾ ಇಲ್ಲಿಯೂ ಗೈಡ್ ಆದಳು, ಕಿರಿಯರನ್ನು ಪಳಗಿಸಿದಳು. ಆ ಕಿರಿಯರಲ್ಲಿ ಒಬ್ಬಳು 1873ರಲ್ಲಿ ಹುಟ್ಟಿದ ಮಾಕೆರೆತಿ. ನಿನ್ನ ಮಾವೋರಿ ಮನೆತನದ ಹೆಸರೇನು ಎಂದು ಪ್ರವಾಸಿಯೊಬ್ಬ ಕೇಳಿದಾಗ ಪಕ್ಕದಲ್ಲಿದ್ದ ಚಿಲುಮೆಯ ಹೆಸರನ್ನೇ ಹೇಳಿಬಿಟ್ಟಳು: ಪಾಪಾಕುರಾ. ಮ್ಯಾಗಿ ಪಾಪಾಕುರಾ ಎಂದೇ ಲೋಕಪ್ರಸಿದ್ಧಳಾದಳು. 1901ರಲ್ಲಿ ಬ್ರಿಟಿಷ್ ರಾಜಕುಮಾರ ದಂಪತಿ ಬಂದಾಗ ಊರು ತೋರಿಸಿದವಳು ಇವಳು. ಆ ರಾಜಕುಮಾರನೇ ಐದನೆಯ ಜಾರ್ಜ್ ಆಗಿ ಕಿರೀಟ ಧರಿಸಿದ 1911ರಲ್ಲಿ ತನ್ನ ಬಳಗದ ಹಾಡುಕುಣಿತದ ತಂಡ ಕಟ್ಟಿಕೊಂಡು ಇಂಗ್ಲೆಂಡಿಗೆ ಹೋದಳು. ಮುಂದೆ ಅಲ್ಲಿಯೇ ಮದುವೆಯಾಗಿ ನೆಲೆಸಿ, ಆಕ್ಸ್‌ಫರ್ಡ್ ವಿಶ್ವವಿದ್ಯಾಲಯದಲ್ಲಿ ಮಾನವಶಾಸ್ತ್ರದ ವಿದ್ಯಾರ್ಥಿನಿಯಾದಳು. ತನ್ನ ಜನರ ಮದುವೆ, ಮಕ್ಕಳು, ಮನೆ, ಆಹಾರ ಕುರಿತು ಪ್ರಬಂಧ ಬರೆದಳು. ಪರೀಕ್ಷೆಗೆ ಕೆಲವೇ ವಾರಗಳಿದ್ದಾಗ, 1930ರಲ್ಲಿ, ತೀರಿಕೊಂಡಳು. ಪುಸ್ತಕ 1938ರಲ್ಲಿ ಹೊರಬಂತು. ಪದವಿಯನ್ನು ವಿಶ್ವವಿದ್ಯಾಲಯ 2025ರಲ್ಲಿ ಮರಣೋತ್ತರವಾಗಿ ಕೊಟ್ಟಿತು. ಆ ಕಾಲದಲ್ಲಿ ಮಾವೋರಿಗಳ ಬಗ್ಗೆ ಬರೆದವರಲ್ಲಿ ಹೆಚ್ಚಿನವರು ಹೊರಗಿನಿಂದ ಬಂದು ಕೇಳಿ ಬರೆದುಕೊಂಡವರು. ಮನೆಯೊಳಗಿದ್ದವಳೇ ಬರೆದದ್ದು ಎಂಬ ಕಾರಣಕ್ಕೆ ಆ ಪುಸ್ತಕದ ತೂಕ ಬೇರೆ.

ಆಕೆಗೆ ಹೆಸರು ಕೊಟ್ಟ ಚಿಲುಮೆಯ ಕತೆಯನ್ನೂ ಗೈಡ್‌ಗಳು ಬಿಡದೆ ಹೇಳುತ್ತಾರೆ. ಕರ್ನಾಟಕದವರಿಗೆ ಇದು ಬೇಗ ಅರ್ಥವಾದೀತು, ಯಾಕೆಂದರೆ ಇದು ಕೊಳವೆಬಾವಿಗಳ ಕತೆ. ಮನೆ ಬೆಚ್ಚಗಿಡಲು, ಹೋಟೆಲುಗಳ ಈಜುಕೊಳ ಕಾಯಿಸಲು ರೊಟೊರುವಾ ಪೇಟೆಯವರು ಸಿಕ್ಕಸಿಕ್ಕಲ್ಲಿ ಕೊಳವೆ ಇಳಿಸಿ ಬಿಸಿನೀರು ಎಳೆದರು. ನೆಲದೊಳಗಿನ ಒತ್ತಡ ಇಳಿಯುತ್ತ ಹೋಗಿ 1979ರಲ್ಲಿ ಪಾಪಾಕುರಾ ನಿಂತುಹೋಯಿತು. ಪೊಹುಟುವಿಗೂ ಅದೇ ಗತಿ ಎಂಬ ಭಯ ಹುಟ್ಟಿತು. ದೇಶದಲ್ಲಿ ಆಗಲೇ ಒಂದು ಉದಾಹರಣೆ ಇತ್ತು: ಟೌಪೊ ಬಳಿಯ ವೈರಾಕೇಯಲ್ಲಿ 1958ರಲ್ಲಿ ಭೂಶಾಖದ ವಿದ್ಯುತ್ ಸ್ಥಾವರ ಶುರುವಾದ ಮೇಲೆ ಅಲ್ಲಿನ ಚಿಲುಮೆಗಳು ಬತ್ತಿಹೋಗಿದ್ದವು. 1986ರಲ್ಲಿ ಸರ್ಕಾರ ಪೊಹುಟುವಿನ ಸುತ್ತ ಒಂದೂವರೆ ಕಿಲೋಮೀಟರಿನೊಳಗಿನ ಕೊಳವೆಬಾವಿಗಳನ್ನು ಮುಚ್ಚಿಸಲು ಆಜ್ಞೆ ಮಾಡಿತು. ಪೇಟೆಯಲ್ಲಿ ದೊಡ್ಡ ಗಲಾಟೆ ಆಯಿತು, ಬಾವಿಗಳಂತೂ ಮುಚ್ಚಿದವು. ನೆಲದೊಳಗಿನ ನೀರು ನಿಧಾನಕ್ಕೆ ಮೇಲೇರಿತು. 2015ರಲ್ಲಿ, 36 ವರ್ಷಗಳ ನಂತರ, ಪಾಪಾಕುರಾ ಮತ್ತೆ ಚಿಮ್ಮಿತು. ಸತ್ತೇಹೋಯಿತೆಂದುಕೊಂಡ ಚಿಲುಮೆ ಮರಳುವುದು ಅಪರೂಪ. ಇದನ್ನು ಕೇಳಿ ನನಗೆ ಆದ ಸಂತೋಷವನ್ನು ಮುಚ್ಚಿಡಲಾರೆ.

ಕಾಡಿನ ವಿಷಯದಲ್ಲಿ ಪ್ರವಾಸಗಳು ಎರಡು ಬಗೆ. ಹೆಚ್ಚಿನವು ಊರಿಗೆ ತಾಗಿದಂತಿರುವ ರೆಡ್‌ವುಡ್ ತೋಪಿಗೆ ಕರೆದೊಯ್ಯುತ್ತವೆ. ಕ್ಯಾಲಿಫೋರ್ನಿಯಾದಿಂದ ತಂದು 1901ರಲ್ಲಿ ನೆಟ್ಟ ಮರಗಳು ಈಗ ಎಪ್ಪತ್ತು ಮೀಟರಿನ ಆಸುಪಾಸಿಗೆ ಬೆಳೆದಿವೆ, ಅವುಗಳ ನಡುವೆ ತೂಗುಸೇತುವೆಗಳಲ್ಲಿ ನಡೆಯಬಹುದು. ಚೆಂದವೇನೋ ಹೌದು, ಆದರೆ ವಲಸೆ ಬಂದ ಕಾಡು. ಸಮಯವಿದ್ದವರು ಫಿರಿನಾಕಿ ಎಂಬ ಕಾಡಿಗೆ ಹೋಗಬೇಕು. ರೊಟೊರುವಾದಿಂದ ಆಗ್ನೇಯಕ್ಕೆ ಒಂದು ಗಂಟೆಗೂ ಹೆಚ್ಚಿನ ದಾರಿ. ಅಲ್ಲಿ ರಿಮು, ಟೋಟರಾ, ಕಹಿಕಟೇಯಾ, ಮಟಾಯಿ, ಮಿರೊ ಎಂಬ ಐದು ಬಗೆಯ ಹೆಮ್ಮರಗಳು ಒಟ್ಟಿಗೆ ಬೆಳೆಯುತ್ತವೆ, ಕೆಳಗೆ ಆಳೆತ್ತರದ ಜರಿಗಿಡಗಳು. 1970ರ ದಶಕದಲ್ಲಿ ಈ ಮರಗಳನ್ನು ಕಡಿಯುವುದರ ವಿರುದ್ಧ ದೊಡ್ಡ ಚಳವಳಿ ನಡೆದು, 1984ರಲ್ಲಿ ಇದು ರಕ್ಷಿತ ಕಾಡಾಯಿತು. ಇಲ್ಲಿನ ನೆಲದವರು ನಾತಿ ಫರೆ. ಅವರು ಕಾಡು ಹೊಗುವ ಮುನ್ನ ಪ್ರಾರ್ಥನೆ ಹೇಳುತ್ತಾರೆ, ನಾವೂ ನಿಂತು ಕೇಳಬೇಕು. ಆಕಾಶ ತಂದೆ ರಂಗಿ, ಭೂಮಿ ತಾಯಿ ಪಾಪಾ ಇಬ್ಬರೂ ಅಪ್ಪಿಕೊಂಡು ಮಕ್ಕಳನ್ನು ಕತ್ತಲಲ್ಲಿಟ್ಟಿದ್ದಾಗ, ಮಗ ಟಾನೆ ನೆಲಕ್ಕೆ ಬೆನ್ನು ಕೊಟ್ಟು ಕಾಲಿನಿಂದ ತಂದೆಯನ್ನು ಮೇಲಕ್ಕೆ ಒದ್ದು ಬೆಳಕು ತಂದ. ಕಾಡು ಟಾನೆಯದು. ಅರವತ್ತು ಮೀಟರಿನ ಕಹಿಕಟೇಯಾದ ಬುಡದಲ್ಲಿ ನಿಂತು ಕತ್ತೆತ್ತಿದರೆ ಆ ಕತೆಗೆ ವಿವರಣೆ ಬೇಕಾಗುವುದಿಲ್ಲ.

ಟೋಟರಾ ಮರಕ್ಕೆ ಇನ್ನೊಂದು ಬದುಕೂ ಇದೆ. ಮೃದು, ಆದರೆ ಬೇಗ ಕೊಳೆಯದ ಮರ. ಯುದ್ಧದೋಣಿಗೂ ಕೆತ್ತನೆಯ ಮನೆಗೂ ಅದೇ. ಅದನ್ನು ಕೆತ್ತುವ ವಿದ್ಯೆ ಇಪ್ಪತ್ತನೆಯ ಶತಮಾನದ ಆರಂಭದಲ್ಲಿ ಕೆಲವೇ ಹಿರಿಯರ ಕೈಯಲ್ಲಿ ಉಳಿದಿತ್ತು. ಮಾವೋರಿ ನಾಯಕ, ಸಂಸದ ಅಪಿರಾನಾ ನಾಟಾ 1920ರ ದಶಕದಲ್ಲಿ ಕಾನೂನು ತರಿಸಿ ರೊಟೊರುವಾದಲ್ಲಿ ಶಾಲೆ ತೆರೆಸಿದ. ಎರಡನೆಯ ಮಹಾಯುದ್ಧದ ಹೊತ್ತಿಗೆ ಅದು ಮುಚ್ಚಿತು. 1963ರಲ್ಲಿ ಇನ್ನೊಂದು ಕಾಯಿದೆಯಿಂದ ಮಾವೋರಿ ಕಲಾ ಸಂಸ್ಥೆ ಹುಟ್ಟಿತು; ನಾಟಾನ ಶಾಲೆಯಲ್ಲೇ ಕಲಿತ ಹೋನೆ ಟೈಯಾಪಾ 1967ರಲ್ಲಿ ಕೆತ್ತನೆಯ ಮೊದಲ ಗುರುವಾಗಿ ಬಂದರು. ಪೊಹುಟು ಚಿಲುಮೆಯ ಪಕ್ಕದಲ್ಲೇ, ತೆ ಪುಯಿಯಾ ಎಂಬ ಆವರಣದಲ್ಲಿ, ಈ ಸಂಸ್ಥೆಯ ಶಾಲೆಗಳು ಇಂದೂ ನಡೆಯುತ್ತಿವೆ. ಪ್ರವಾಸಿಗಳ ಟಿಕೆಟ್ ಹಣ ಇವುಗಳ ಖರ್ಚಿಗೆ ಒದಗುತ್ತದೆ. ಕಟಕಟೆಯ ಈಚೆ ನಿಂತು ನೋಡಬಹುದು: ಹುಡುಗರು ಉಳಿಗೆ ಕೊಡತಿಯಿಂದ ತಟ್ಟುತ್ತ ಪೂರ್ವಜನೊಬ್ಬನ ಮುಖದ ಸುರುಳಿ ಬಿಡಿಸುತ್ತಿರುತ್ತಾರೆ. ಮೂಳೆ ಮತ್ತು ಹಸಿರುಕಲ್ಲಿನ ಕೆತ್ತನೆಗೆ ಬೇರೆಯೇ ಶಾಲೆ ಇದೆ.

ನೇಯ್ಗೆಯ ಶಾಲೆಯಲ್ಲಿ ಹೆಚ್ಚು ಹೊತ್ತು ನಿಲ್ಲಿ ಎನ್ನುವುದು ನನ್ನ ಮಾತು. ಅಲ್ಲಿ ಹರಕೆಕೆ ಎಂಬ ಉದ್ದೆಲೆಯ ನಾರುಗಿಡವೇ ಸರ್ವಸ್ವ. ಅದನ್ನು ಕೊಯ್ಯಲು ಕಟ್ಟುಪಾಡಿದೆ. ನಡುವಿನ ಎಳೆಗರಿ ಮಗು, ಎರಡು ಪಕ್ಕದವು ತಂದೆತಾಯಿ. ಈ ಮೂರನ್ನು ಮುಟ್ಟುವಂತಿಲ್ಲ. ಹೊರಗಿನ ಹಿರಿಯ ಎಲೆಗಳನ್ನು ಮಾತ್ರ ಓರೆಯಾಗಿ ಕೊಯ್ಯಬೇಕು, ಮಳೆಯಲ್ಲಿ ಕೊಯ್ಯಬಾರದು. ಎಲೆಯನ್ನು ಚಿಪ್ಪಿನಿಂದ ಗೀರಿದರೆ ರೇಷ್ಮೆಯ ನುಣುಪಿನ ನಾರು ಹೊರಬರುತ್ತದೆ. ಕುಣಿತದವರು ಉಡುವ ಪಿಯುಪಿಯು ಲಂಗದಲ್ಲಿ ಕಪ್ಪುಪಟ್ಟೆ ಬೀಳುವುದು ಹೀಗೆ: ಗೀರಿ ನಾರು ಬಿಡಿಸಿದ ಭಾಗ ಕೆಸರಿನ ಬಣ್ಣ ಹೀರಿಕೊಳ್ಳುತ್ತದೆ, ಗೀರದೆ ಬಿಟ್ಟದ್ದು ಹಳದಿಯಾಗಿ ಒಣಗಿ ಕೊಳವೆಯಂತೆ ಸುರುಳುತ್ತದೆ. ಕುಣಿಯುವಾಗ ಕೇಳುವ ಚಟಪಟ ಸದ್ದು ಆ ಕೊಳವೆಗಳದು. ಈ ಶಾಲೆಗಳನ್ನು ನಡೆಸುವ ಇಡೀ ಕಲಾ ಸಂಸ್ಥೆ 2020ರಿಂದ ಸರ್ಕಾರದ ಕೈಯಿಂದ ಈ ನೆಲದ ಬಳಿಗಳ ಒಡೆತನಕ್ಕೆ ಬಂದಿದೆ.

ಹೋಗುವವರಿಗೆ ಕೆಲವು ಮಾತು. ಆಕ್ಲೆಂಡಿನಲ್ಲಿ ಈಗ ಸಾಕಷ್ಟು ಕನ್ನಡಿಗರಿದ್ದಾರೆ, ಊರಿನಿಂದ ಬಂದ ಅಪ್ಪ ಅಮ್ಮನನ್ನು ಬೆಳಗ್ಗೆ ಹೊರಡಿಸಿ ರಾತ್ರಿ ಮರಳುವ ಬಸ್ಸಿನಲ್ಲಿ ರೊಟೊರುವಾ ತೋರಿಸುವುದುಂಟು. ಆರು ಗಂಟೆ ರಸ್ತೆಯಲ್ಲೇ ಕಳೆಯುತ್ತದೆ. ರಾತ್ರಿ ಅಲ್ಲೇ ಉಳಿದು, ಪೂರ್ತಿ ಒಂದು ದಿನ ಕೊಡುವುದು ಮೇಲು. ಹಳ್ಳಿಯೊಳಗೆ ಗೈಡ್ ಜೊತೆಗೇ ನಡೆಯಿರಿ, ಗುರುತಿನ ದಾರಿ ಬಿಡಬೇಡಿ, ನೆಲದ ತೊಗಟೆ ಕೆಲವೆಡೆ ಬಹಳ ತೆಳು. ಕೆತ್ತನೆಯ ಸಭಾಮನೆ ಹೊಗುವ ಮುನ್ನ ಚಪ್ಪಲಿ ಕಳಚಬೇಕು, ಊಟದ ಮೇಜಿನ ಮೇಲೆ ಕೂರಬಾರದು. ನಮ್ಮವರಿಗೆ ಇದನ್ನು ಕಲಿಸಬೇಕಾಗಿಲ್ಲ. ಮೂಗಿಗೆ ಮೂಗು ತಾಗಿಸಿ ಸ್ವಾಗತಿಸಿದರೆ ಹಿಂದೆ ಸರಿಯಬೇಡಿ. ಸಸ್ಯಾಹಾರಿಗಳು ಊಟವನ್ನು ಮೊದಲೇ ತಿಳಿಸಿದರೆ ಒಳ್ಳೆಯದು, ಮಾಂಸ ಬೆಂದ ಪೆಟ್ಟಿಗೆಯಲ್ಲೇ ತರಕಾರಿಯೂ ಬೇಯುವುದುಂಟು. ಕೊಳದಲ್ಲಿ ಬೆಂದ ಜೋಳದ ತೆನೆಗೆ ಆ ಚಿಂತೆ ಇಲ್ಲ. ಬೆಣ್ಣೆ ಸವರಿ ಕೊಡುತ್ತಾರೆ, ಬಿಸಿಯಿರುವಾಗಲೇ ತಿನ್ನಿ.