ರಕ್ತದೊತ್ತಡ ಕುಸಿದಾಗ: ತೀವ್ರ ನಿಗಾ ಘಟಕದಲ್ಲಿ ಕೊಡುವ ಹಾರ್ಮೋನು ಔಷಧಗಳ ಕುರಿತು



ಆಸ್ಪತ್ರೆಯಿಂದ ಆಶೀರ್ವಾದ ಕೋರಿ ಬರುವ ದೂರವಾಣಿ ಕರೆಗಳಲ್ಲಿ ಒಂದು ಮಾತು ಮತ್ತೆ ಮತ್ತೆ ನಮ್ಮ ಕಿವಿಗೆ ಬೀಳುತ್ತದೆ: “ಬಿ.ಪಿ. ಔಷಧದ ಮೇಲೆಯೇ ನಿಂತಿದೆ ಎನ್ನುತ್ತಾರೆ, ನಮಗೇನೂ ಅರ್ಥವಾಗುತ್ತಿಲ್ಲ.” ಹತ್ತಾರು ವರ್ಷ ರಕ್ತದೊತ್ತಡ ಇಳಿಸುವ ಮಾತ್ರೆ ನುಂಗಿದ ಹಿರಿಯರಿಗೆ ಈಗ ಅದನ್ನೇ ಏರಿಸುವ ಔಷಧ ಕೊಡುತ್ತಿದ್ದಾರೆಂದರೆ ಮನೆಯವರಿಗೆ ಗೊಂದಲವಾಗುವುದು ಸಹಜ. ಕೋಣನಕುಂಟೆ, ಜೆ.ಪಿ. ನಗರ, ಬನಶಂಕರಿ ಭಾಗದ ಭಕ್ತರ ಅನುಕೂಲಕ್ಕಾಗಿ ಈ ವಿಷಯವನ್ನು ಇಲ್ಲಿ ವಿವರಿಸುತ್ತಿದ್ದೇವೆ. ಚಿಕಿತ್ಸೆಯ ತೀರ್ಮಾನ ವೈದ್ಯರದೇ. ಅವರ ಮಾತನ್ನು ತಿಳಿದು ಕೇಳುವಂತಾಗಲಿ ಎಂಬುದಷ್ಟೇ ನಮ್ಮ ಆಶಯ.

ಒತ್ತಡ ಏಕೆ ಕುಸಿಯುತ್ತದೆ?

ನಮ್ಮ ಮನೆಗಳ ನೀರಿನ ವ್ಯವಸ್ಥೆಯನ್ನೇ ನೆನೆಯೋಣ. ಮೇಲಿನ ನಲ್ಲಿಯಲ್ಲಿ ನೀರು ಬರಬೇಕಾದರೆ ಸಂಪಿನಲ್ಲಿ ನೀರಿರಬೇಕು, ಮೋಟಾರು ನಡೆಯಬೇಕು, ಕೊಳವೆಗಳು ಸರಿಯಾಗಿರಬೇಕು. ದೇಹದಲ್ಲಿಯೂ ಹಾಗೆಯೇ. ರಕ್ತಸ್ರಾವ, ತೀವ್ರ ವಾಂತಿಭೇದಿ ಅಥವಾ ಡೆಂಗಿಯಲ್ಲಿ ರಕ್ತನಾಳಗಳೊಳಗಿನ ದ್ರವವೇ ಕಡಿಮೆಯಾಗುತ್ತದೆ. ಹೃದಯಾಘಾತದಲ್ಲಿ ಮೋಟಾರು ಸೋಲುತ್ತದೆ. ಸೋಂಕು ರಕ್ತಕ್ಕೆ ಹರಡಿ ನಂಜಾದಾಗ ರಕ್ತನಾಳಗಳು ಬಿಗಿ ಕಳೆದುಕೊಂಡು ಹಿಗ್ಗುತ್ತವೆ. ಹಾದಿ ಯಾವುದಾದರೂ ಅಂಗಾಂಗಗಳಿಗೆ ಸಾಕಷ್ಟು ರಕ್ತ ತಲುಪದ ಸ್ಥಿತಿಯನ್ನು ವೈದ್ಯರು ‘ಶಾಕ್’ ಎನ್ನುತ್ತಾರೆ. ಇದು ಮನಸ್ಸಿಗೆ ತಗಲುವ ಆಘಾತವಲ್ಲ. ಮೂತ್ರಪಿಂಡ, ಮಿದುಳು, ಯಕೃತ್ತುಗಳು ಹಸಿದು ಸೊರಗುವ ಸ್ಥಿತಿ.

ಇಲ್ಲಿ ವೈದ್ಯರು ಸರಾಸರಿ ಒತ್ತಡವನ್ನು ಗಮನಿಸುತ್ತಾರೆ. ಮೇಲಿನ ಮತ್ತು ಕೆಳಗಿನ ಅಂಕಿಗಳ ವ್ಯತ್ಯಾಸದ ಮೂರನೆಯ ಒಂದು ಭಾಗವನ್ನು ಕೆಳಗಿನ ಅಂಕಿಗೆ ಕೂಡಿಸಿದರೆ ಅದು ಸುಮಾರಾಗಿ ದೊರೆಯುತ್ತದೆ. 120/80 ಇದ್ದವರಿಗೆ ಅದು 93. 80/50ಕ್ಕೆ ಕುಸಿದವರಿಗೆ 60. ನಂಜಿನ ಶಾಕ್‌ನಲ್ಲಿ ಇದನ್ನು ಕನಿಷ್ಠ 65ರಲ್ಲಿ ಉಳಿಸಿಕೊಳ್ಳುವುದು ಸಾಮಾನ್ಯ ಗುರಿ. ಹಿಂದೆ ಒತ್ತಡ ಹೆಚ್ಚಿದ್ದವರಿಗೂ ಈ ಹೊತ್ತಿನ ಅಪಾಯ ಕುಸಿತದ್ದೇ ಆದ್ದರಿಂದ ಏರಿಸುವ ಔಷಧ ಬೇಕಾಗುತ್ತದೆ.

ಔಷಧಗಳು ಯಾವುವು?

ಇವು ದೇಹಕ್ಕೆ ಅಪರಿಚಿತ ವಸ್ತುಗಳಲ್ಲ. ಸಂಕಟ ಬಂದಾಗ ದೇಹವೇ ಸ್ರವಿಸುವ ಹಾರ್ಮೋನುಗಳು. ಮೊದಲನೆಯದು ನಾರ್‌ಅಡ್ರಿನಲಿನ್. ನರಗಳ ತುದಿಯಲ್ಲಿ ಇದು ಸಂದೇಶವಾಹಕವಾಗಿದೆಯೆಂದು ತೋರಿಸಿದ ಸ್ವೀಡನ್ನಿನ ಉಲ್ಫ್ ಫಾನ್ ಆಯ್ಲರ್ 1970ರಲ್ಲಿ ನೊಬೆಲ್ ಪುರಸ್ಕಾರವನ್ನು ಹಂಚಿಕೊಂಡರು. ಹಿಗ್ಗಿದ ರಕ್ತನಾಳಗಳನ್ನು ಇದು ಬಿಗಿಗೊಳಿಸುತ್ತದೆ. ನಂಜಿನ ಶಾಕ್‌ನಲ್ಲಿ ಮೊದಲು ಆರಿಸುವ ಔಷಧ ಇದೇ.

ಎರಡನೆಯದು ವ್ಯಾಸೊಪ್ರೆಸಿನ್. ಮಿದುಳಿನ ಬುಡದ ಪಿಟ್ಯುಟರಿ ಗ್ರಂಥಿಯ ಹಿಂಭಾಗದಿಂದ ಇದು ಸ್ರವಿಸುತ್ತದೆ. ಸಾಮಾನ್ಯ ದಿನಗಳಲ್ಲಿ ಮೂತ್ರದಲ್ಲಿ ಹೆಚ್ಚು ನೀರು ಹೋಗದಂತೆ ಕಾಯುವುದು ಇದರ ಕೆಲಸ. ಒತ್ತಡ ಕುಸಿದಾಗ ರಕ್ತನಾಳಗಳನ್ನೂ ಬಿಗಿಯುತ್ತದೆ. ಒಂಬತ್ತು ಅಮೈನೋ ಆಮ್ಲಗಳ ಈ ಪುಟ್ಟ ಹಾರ್ಮೋನಿನ ರಚನೆಯನ್ನು ಬಿಡಿಸಿ, ಪ್ರಯೋಗಾಲಯದಲ್ಲಿ ತಯಾರಿಸಿದ ವಿನ್ಸೆಂಟ್ ಡು ವಿಗ್ನೋ ಅವರಿಗೆ 1955ರ ರಸಾಯನಶಾಸ್ತ್ರದ ನೊಬೆಲ್ ಸಂದಿತು. ನಂಜಿನ ಶಾಕ್ ದೀರ್ಘವಾದಾಗ ದೇಹದಲ್ಲಿರುವ ಇದರ ಸಂಗ್ರಹ ಬರಿದಾಗುತ್ತದೆಂದು 1990ರ ದಶಕದಲ್ಲಿ ತಿಳಿದುಬಂತು. ನಾರ್‌ಅಡ್ರಿನಲಿನ್ ಪ್ರಮಾಣ ಏರುತ್ತಲೇ ಹೋದಾಗ ನಿಮಿಷಕ್ಕೆ ಸುಮಾರು 0.03 ಯೂನಿಟ್‌ನಷ್ಟು ವ್ಯಾಸೊಪ್ರೆಸಿನ್ ಕೂಡಿಸುವುದು ಇದೇ ಕಾರಣಕ್ಕೆ.

ಇವನ್ನು ಮಾತ್ರೆಯಾಗಿ ಕೊಡಲು ಬಾರದು. ರಕ್ತ ಸೇರುವ ಮೊದಲೇ ಕರುಳು, ಯಕೃತ್ತುಗಳಲ್ಲಿ ನಾಶವಾಗುತ್ತವೆ. ನಾರ್‌ಅಡ್ರಿನಲಿನ್ ಅಂತೂ ರಕ್ತದಲ್ಲಿ ಕೆಲವೇ ನಿಮಿಷ ಉಳಿಯುತ್ತದೆ. ಆದ್ದರಿಂದ ಸಿರಿಂಜ್ ಪಂಪ್ ಎಂಬ ಯಂತ್ರ ಅದನ್ನು ಬಿಡುವಿಲ್ಲದೆ, ಅಳೆದು ಹನಿಸುತ್ತದೆ. ತುರ್ತಿನಲ್ಲಿ ಕೈಯ ನರದಿಂದಲೇ ಆರಂಭಿಸುವುದುಂಟು. ಬಹುಕಾಲ ಬೇಕಾದರೆ ಕತ್ತಿನ ದೊಡ್ಡ ನರಕ್ಕೆ ನಳಿಕೆ ಹಾಕುತ್ತಾರೆ. ಔಷಧ ನರದಿಂದ ಹೊರಗೆ ಸೋರಿದರೆ ಅಲ್ಲಿಯ ಚರ್ಮ ಕೊಳೆಯುವ ಅಪಾಯವಿದೆ. ಒತ್ತಡವನ್ನು ಕ್ಷಣಕ್ಷಣಕ್ಕೂ ನೋಡಲು ಮಣಿಕಟ್ಟಿನ ಬಳಿ ಮತ್ತೊಂದು ನಳಿಕೆ ಇರಬಹುದು.

ಔಷಧದ ಮಿತಿ

ಈ ಹಾರ್ಮೋನುಗಳು ರೋಗವನ್ನು ಗುಣಪಡಿಸುವುದಿಲ್ಲ, ಸಮಯವನ್ನು ಒದಗಿಸುತ್ತವೆ. ಆ ಸಮಯದಲ್ಲಿ ಸೋಂಕಿಗೆ ಆಂಟಿಬಯಾಟಿಕ್, ಕೀವಿಗೆ ಶಸ್ತ್ರಚಿಕಿತ್ಸೆ, ಮುಚ್ಚಿದ ಹೃದಯನಾಳಕ್ಕೆ ಸ್ಟೆಂಟ್, ಹೋದ ರಕ್ತಕ್ಕೆ ರಕ್ತ, ಹೀಗೆ ಮೂಲಕ್ಕೆ ಮದ್ದು ಆಗಬೇಕು. ದ್ರವ ಕಡಿಮೆಯಾದವರಿಗೆ ದ್ರವ ಕೊಡದೆ ನಾಳಗಳನ್ನಷ್ಟೇ ಬಿಗಿಯುವುದು ಖಾಲಿ ಸಂಪಿನ ಮುಂದೆ ಕೊಳವೆ ಸರಿಪಡಿಸಿದಂತೆ. ಪ್ರಮಾಣ ಹೆಚ್ಚಿದಷ್ಟೂ ಬೆರಳ ತುದಿ ಕಪ್ಪಾಗುವ, ಕರುಳಿಗೆ ರಕ್ತ ಕಡಿಮೆಯಾಗುವ, ಹೃದಯದ ಲಯ ತಪ್ಪುವ ಅಪಾಯವೂ ಏರುತ್ತದೆ.

ಮನೆಯವರು ವೈದ್ಯರಲ್ಲಿ ಮೂರು ಪ್ರಶ್ನೆಗಳನ್ನು ವಿನಯದಿಂದ ಕೇಳಬಹುದು. ಒತ್ತಡ ಕುಸಿಯಲು ಮೂಲ ಕಾರಣವೇನು? ನಿನ್ನೆಗಿಂತ ಇಂದು ಔಷಧದ ಪ್ರಮಾಣ ಏರಿದೆಯೇ, ಇಳಿದಿದೆಯೇ? ಮೂತ್ರ ಎಷ್ಟು ಬರುತ್ತಿದೆ? 60 ಕಿಲೋ ತೂಕದವರಿಗೆ ಗಂಟೆಗೆ 30 ಮಿಲಿಲೀಟರ್‌ಗಿಂತ ಕಡಿಮೆಯಾದರೆ ಮೂತ್ರಪಿಂಡದ ಬಗ್ಗೆ ಚಿಂತಿಸಬೇಕಾಗುತ್ತದೆ. ಹಾಗೆಯೇ ರೋಗಿ ನಿತ್ಯ ಸೇವಿಸುವ ಮಾತ್ರೆಗಳ ಪಟ್ಟಿಯನ್ನು ತಪ್ಪದೆ ಕೊಡಬೇಕು. ಬಹುಕಾಲದಿಂದ ಸ್ಟೀರಾಯ್ಡ್ ತೆಗೆದುಕೊಳ್ಳುತ್ತಿದ್ದರೆ ಮೊದಲೇ ಹೇಳಬೇಕು. ಅದು ಹಠಾತ್ತನೆ ನಿಂತರೂ ಒತ್ತಡ ಕುಸಿಯುತ್ತದೆ.

ಮನೆಯಲ್ಲಿಯೇ ಗುರುತಿಸಬೇಕಾದ ಲಕ್ಷಣಗಳಿವೆ. ಜ್ವರದೊಂದಿಗೆ ಮಾತು ತಡವರಿಸುವುದು, ಉಸಿರು ವೇಗವಾಗುವುದು, ಕೈಕಾಲು ತಣ್ಣಗಾಗುವುದು, ಮೂತ್ರ ಕಡಿಮೆಯಾಗುವುದು ಕಂಡರೆ ಬೆಳಗಾಗಲೆಂದು ಕಾಯದೆ 108ಕ್ಕೆ ಕರೆ ಮಾಡಬೇಕು. ಇಲ್ಲಿ ಉಳಿಸಿದ ಒಂದು ಗಂಟೆಯ ಬೆಲೆ ದೊಡ್ಡದು.

ಇಷ್ಟಲಿಂಗ, ವಿಭೂತಿ, ತೀರ್ಥ

ಕತ್ತಿಗೆ ನಳಿಕೆ ಹಾಕುವಾಗ ಶಿವದಾರ, ಕರಡಿಗೆಗಳನ್ನು ತೆಗೆಯಲು ಸಿಬ್ಬಂದಿ ಹೇಳುತ್ತಾರೆ. ಅದು ಅಗೌರವವಲ್ಲ, ಆ ಜಾಗ ಸೋಂಕುರಹಿತವಾಗಿರಬೇಕು. ಇಷ್ಟಲಿಂಗವನ್ನು ಶುಚಿಯಾದ ವಸ್ತ್ರದಲ್ಲಿರಿಸಿ ಮನೆಯವರು ಕಾಪಾಡಿಕೊಳ್ಳಬಹುದು, ಅಥವಾ ತೋಳಿಗೆ ಕಟ್ಟಲು ಸಾಧ್ಯವೇ ಎಂದು ದಾದಿಯರನ್ನು ವಿಚಾರಿಸಬಹುದು. ಹಣೆಗೆ ವಿಭೂತಿ ಧರಿಸುವ ಮುನ್ನವೂ ಕೇಳಿ ಧರಿಸಿ. ಆದರೆ ಎಚ್ಚರವಿಲ್ಲದವರ ಬಾಯಿಗೆ ತೀರ್ಥವನ್ನು ಹನಿಯಷ್ಟೂ ಹಾಕಬಾರದು. ಅದು ಶ್ವಾಸಕೋಶಕ್ಕೆ ಇಳಿದು ಹೊಸ ಸೋಂಕಾಗುತ್ತದೆ. ಆಮ್ಲಜನಕ ಹರಿಯುವಲ್ಲಿ ಕರ್ಪೂರ, ಊದುಬತ್ತಿ ಹಚ್ಚಲೇಬಾರದು.

ಔಷಧಕ್ಕೂ ದೇಹ ಓಗೊಡದಿದ್ದಾಗ

ಇದು ಹೇಳಲು ಕಷ್ಟವಾದ ಮಾತು, ಆದರೂ ಹೇಳಬೇಕು. ಎಲ್ಲ ಪ್ರಯತ್ನದ ನಂತರವೂ ಚೇತರಿಕೆಯ ದಾರಿ ಕಾಣದಿದ್ದರೆ ಜೀವಾಧಾರ ಚಿಕಿತ್ಸೆಯನ್ನು ಮುಂದುವರಿಸದಿರಲು ಸುಪ್ರೀಂ ಕೋರ್ಟ್ 2018ರ ಮಾರ್ಚ್ 9ರಂದು ಅವಕಾಶ ನೀಡಿ, 2023ರಲ್ಲಿ ವಿಧಾನವನ್ನು ಸರಳಗೊಳಿಸಿತು. ಕರ್ನಾಟಕ ಸರ್ಕಾರ 2025ರ ಜನವರಿಯಲ್ಲಿ ಇದರ ಜಾರಿಗೆ ಸುತ್ತೋಲೆ ಹೊರಡಿಸಿತು. ಎರಡು ವೈದ್ಯಕೀಯ ಮಂಡಳಿಗಳು ಪರಿಶೀಲಿಸಬೇಕು, ಮನೆಯವರ ಒಪ್ಪಿಗೆ ಬೇಕು, ಮ್ಯಾಜಿಸ್ಟ್ರೇಟರಿಗೆ ಮಾಹಿತಿ ಹೋಗಬೇಕು. ತಮ್ಮ ಇಚ್ಛೆಯನ್ನು ಮೊದಲೇ ಬರೆದು ಇಬ್ಬರು ಸಾಕ್ಷಿಗಳೆದುರು ಸಹಿ ಮಾಡಿ, ನೋಟರಿ ಅಥವಾ ಗೆಜೆಟೆಡ್ ಅಧಿಕಾರಿಯಿಂದ ದೃಢೀಕರಿಸಿಡಲೂ ಅವಕಾಶವಿದೆ. ಹಿರಿಯರು ಗಟ್ಟಿಯಾಗಿರುವಾಗಲೇ ಈ ಮಾತು ಮನೆಯಲ್ಲಿ ನಡೆದರೆ ಮಕ್ಕಳ ಮೇಲಿನ ಭಾರ ಇಳಿಯುತ್ತದೆ.

ಮಿದುಳು ಸಾವಿನ ಸ್ಥಿತಿ ಇದಕ್ಕಿಂತ ಬೇರೆ. 1994ರ ಅಂಗಾಂಗ ಕಸಿ ಕಾಯಿದೆಯಂತೆ ನಾಲ್ವರು ವೈದ್ಯರ ತಂಡ ಕನಿಷ್ಠ ಆರು ಗಂಟೆಗಳ ಅಂತರದಲ್ಲಿ ಎರಡು ಬಾರಿ ಪರೀಕ್ಷಿಸಿ ಅದನ್ನು ದೃಢಪಡಿಸುತ್ತದೆ. ಆಗ ಪಿಟ್ಯುಟರಿಯ ಸ್ರಾವವೂ ನಿಲ್ಲುವುದರಿಂದ ಮೂತ್ರ ಧಾರಾಕಾರವಾಗಿ ಹೋಗಿ ಒತ್ತಡ ಕುಸಿಯುತ್ತದೆ. ಮನೆಯವರು ದಾನಕ್ಕೆ ಒಪ್ಪಿದ್ದರೆ ಇದೇ ವ್ಯಾಸೊಪ್ರೆಸಿನ್ ಕೊಟ್ಟು ಅಂಗಗಳನ್ನು ಇನ್ನೊಬ್ಬರಿಗಾಗಿ ಕಾಯುವುದುಂಟು. ‘ನಾನು ಅವನಲ್ಲ... ಅವಳು’ ಚಿತ್ರಕ್ಕೆ ರಾಷ್ಟ್ರಪ್ರಶಸ್ತಿ ಪಡೆದ ನಟ ಸಂಚಾರಿ ವಿಜಯ್ 2021ರ ಜೂನ್‌ನಲ್ಲಿ ನಮ್ಮ ನೆರೆಯ ಜೆ.ಪಿ. ನಗರದಲ್ಲಿಯೇ ಬೈಕ್ ಅಪಘಾತಕ್ಕೀಡಾದರು. ಮಿದುಳು ನಿಷ್ಕ್ರಿಯವಾಯಿತೆಂದು ವೈದ್ಯರು ತಿಳಿಸಿದಾಗ ಅವರ ಕುಟುಂಬ, ಆ ದುಃಖದ ನಡುವೆಯೂ, ಅಂಗದಾನಕ್ಕೆ ಒಪ್ಪಿತು. ರಾಜ್ಯದಲ್ಲಿ ಈ ಕಾರ್ಯವನ್ನು ‘ಜೀವಸಾರ್ಥಕತೆ’ ಸಂಸ್ಥೆ ನಿರ್ವಹಿಸುತ್ತಿದೆ.

ಹಾಸಿಗೆಯ ಪಕ್ಕದ ಆ ಪುಟ್ಟ ಪಂಪನ್ನು ಕಂಡು ಭಯಪಡಬೇಕಾಗಿಲ್ಲ. ಅದೊಂದೇ ಎಲ್ಲವನ್ನೂ ಉಳಿಸುತ್ತದೆಂಬ ಭ್ರಮೆಯೂ ಬೇಡ. ಮನೆಯವರು ತಿಳಿದು ಪ್ರಶ್ನಿಸಲಿ, ಸಹನೆಯಿಂದ ಕೇಳಲಿ, ರೋಗಿಯ ಕೈ ಹಿಡಿದು ಕೂರಲಿ. ಇಂತಹ ಹೊತ್ತು ಯಾವ ಮನೆಗೂ ಬಾರದಿರಲಿ. ಬಂದರೂ ಅದನ್ನು ಎದುರಿಸುವ ಧೈರ್ಯ ಎಲ್ಲರಿಗೂ ಒದಗಲಿ ಎಂದು ಹಾರೈಸುತ್ತೇವೆ.