ನೀರು ಏರುವ ಮುನ್ನ ಆಗಬೇಕಾದ ಪಟ್ಟಿ

ದೇಶದ ಸಂರಕ್ಷಿತ ಸ್ಮಾರಕಗಳಲ್ಲಿ ಹನ್ನೆರಡು ಈಗ ನೀರಿನಡಿ ಇವೆ. 2022ರ ಕೊನೆಯಲ್ಲಿ ಸಂಸತ್ತಿನ ಸ್ಥಾಯಿ ಸಮಿತಿಯ ವರದಿಯಲ್ಲಿ ಬಂದ ಲೆಕ್ಕವಿದು. 2013ರಲ್ಲಿ ಮಹಾಲೇಖಪಾಲರು 1,655 ಸ್ಮಾರಕಗಳನ್ನು ಸ್ಥಳಕ್ಕೇ ಹೋಗಿ ಪರಿಶೀಲಿಸಿದಾಗ 92 ಸಿಗಲಿಲ್ಲ. ಮತ್ತೆ ಹುಡುಕಿದಾಗ 42 ಸಿಕ್ಕವು. ಉಳಿದ 50ರಲ್ಲಿ 14 ಬೆಳೆದ ನಗರಗಳ ಪಾಲಾಗಿದ್ದವು, 12 ಜಲಾಶಯಗಳಲ್ಲಿ ಮುಳುಗಿದ್ದವು, 24ರ ಸುಳಿವೇ ಇರಲಿಲ್ಲ. ಇವೆಲ್ಲ ಕಾನೂನಿನ ಕಾವಲಿದ್ದ ಸ್ಮಾರಕಗಳು. ಪಟ್ಟಿಯಲ್ಲಿ ಹೆಸರಿದ್ದ ಕಾರಣಕ್ಕೆ ಅವು ಕಾಣೆಯಾದದ್ದು ಗೊತ್ತಾಯಿತು. ಪಟ್ಟಿಗೇ ಸೇರದ ವೀರಗಲ್ಲು ಕಾಣೆಯಾದರೆ ಅದು ಯಾವ ಲೆಕ್ಕಕ್ಕೂ ಬರುವುದಿಲ್ಲ.

ಬಾಗಲಕೋಟೆ ಜಿಲ್ಲೆಯ ಬೀಳಗಿ ಸೀಮೆಯವರು ಈ ಅಂಕಿಗಳನ್ನು ತಮ್ಮದೇ ಸುದ್ದಿಯೆಂದು ಓದಬೇಕು. ಉತ್ತರಕ್ಕೆ ಕೃಷ್ಣೆ, ದಕ್ಷಿಣಕ್ಕೆ ಘಟಪ್ರಭೆ, ನಡುವೆ ಈ ತಾಲ್ಲೂಕು. ಕೃಷ್ಣೆಯ ಆಲಮಟ್ಟಿ ಜಲಾಶಯದಲ್ಲಿ ಈಗ 519.60 ಮೀಟರ್‌ವರೆಗೆ ನೀರು ನಿಲ್ಲುತ್ತದೆ. ಅದನ್ನು 524.256 ಮೀಟರ್‌ಗೆ ಏರಿಸಲು ಕೃಷ್ಣಾ ಜಲವಿವಾದದ ಎರಡನೇ ನ್ಯಾಯಮಂಡಳಿ 2010ರಲ್ಲೇ ಒಪ್ಪಿದೆ. 2025ರ ಸೆಪ್ಟೆಂಬರಿನಲ್ಲಿ ರಾಜ್ಯ ಸಚಿವ ಸಂಪುಟ ಮುಳುಗಡೆ ಭೂಮಿಗೆ ಪರಿಹಾರದ ದರವನ್ನೂ ನಿಗದಿ ಮಾಡಿತು. ಏರಿಕೆ ಐದು ಮೀಟರ್‌ಗೂ ಕಡಿಮೆ. ಆದರೆ ಸಮತಟ್ಟಾದ ಈ ಎರಿ ನೆಲದಲ್ಲಿ ಅಷ್ಟೇ ನೀರು ಸುಮಾರು 75 ಸಾವಿರ ಎಕರೆಗೆ ಹರಡುತ್ತದೆ. ಅದರಲ್ಲಿ 20 ಹಳ್ಳಿಗಳು, ಬಾಗಲಕೋಟೆಯ 11 ವಾರ್ಡುಗಳು ಸೇರಿವೆ.

ಹೊಲ ಕಳೆದುಕೊಳ್ಳುವವರ ಸಂಕಟ ದೊಡ್ಡದು, ಅದಕ್ಕೆ ಮೊದಲ ಮಣೆ. ನಾನು ಕೇಳುವುದು ಅದರ ಪಕ್ಕದ ಪ್ರಶ್ನೆ: ಆ ಊರುಗಳ ಅಗಸಿ, ಹಣಮಪ್ಪನ ಗುಡಿ, ಗದ್ದುಗೆ, ದರ್ಗಾ, ಮಾಸ್ತಿಕಲ್ಲು, ಶಾಸನದ ಕಲ್ಲು ಇವುಗಳ ಪಟ್ಟಿ ಎಲ್ಲಿದೆ?

ಆ ಪಟ್ಟಿ ಒಂದೇ ಕಡೆ ಸಿಗದಿರುವುದಕ್ಕೆ ಚರಿತ್ರೆಯಲ್ಲೇ ಕಾರಣವಿದೆ. ಬೀಳಗಿ ಬ್ರಿಟಿಷರ ಮುಂಬಯಿ ಪ್ರಾಂತದಲ್ಲಿತ್ತು. ಜಮಖಂಡಿ ಪಟವರ್ಧನರದು, ಮುಧೋಳ ಘೋರ್ಪಡೆಯವರದು, ತೇರದಾಳ ಮತ್ತು ರಬಕವಿ ಸಾಂಗ್ಲಿ ಸಂಸ್ಥಾನದವು. ನಾಲ್ಕು ಆಡಳಿತದ ದಫ್ತರಗಳು ನಾಲ್ಕು ಕಡೆ ಉಳಿದವು. ಸಂಸ್ಥಾನಗಳು ಹೋದ ಮೇಲೆ, 1997ರಲ್ಲಿ ಬಾಗಲಕೋಟೆ ಜಿಲ್ಲೆಯಾಗುವವರೆಗಿನ ದಾಖಲೆಗಳಲ್ಲಿ ವಿಳಾಸ ವಿಜಾಪುರ ಜಿಲ್ಲೆ ಎಂದಿದೆ. ಜಿಲ್ಲೆಯ ಹೆಸರು ಹೇಳಿದರೆ ಬಾದಾಮಿ, ಐಹೊಳೆ, ಪಟ್ಟದಕಲ್ಲು ನೆನಪಾಗುತ್ತವೆ. ಹೊಳೆದಂಡೆಯ ಸಣ್ಣ ಗುಡಿ ನೆನಪಾಗುವುದಿಲ್ಲ.

ಕಳೆದ ಒಂದೂವರೆ ದಶಕದಲ್ಲಿ ಸ್ವಯಂಸೇವಕರು ಅಂತರ್ಜಾಲದಲ್ಲಿ ಕೂಡಿ ಕಟ್ಟುವ ಸ್ಮಾರಕ ಪಟ್ಟಿಗಳು ಬಂದಿವೆ. 2010ರಲ್ಲಿ ನೆದರ್ಲೆಂಡ್ಸ್‌ನಲ್ಲಿ ಶುರುವಾದ ವಿಕಿ ಲವ್ಸ್ ಮಾನ್ಯುಮೆಂಟ್ಸ್ ಸ್ಪರ್ಧೆಗೆ 2012ರಲ್ಲಿ ಭಾರತವೂ ಸೇರಿತು. ಅದರ ಪಟ್ಟಿಯಲ್ಲಿ ಪ್ರತಿ ಸ್ಮಾರಕಕ್ಕೂ ಗುರುತು ಸಂಖ್ಯೆ, ಅಕ್ಷಾಂಶ ರೇಖಾಂಶ, ಫೋಟೊಗೆ ಜಾಗ ಇರುತ್ತದೆ. ಕ್ರಮ ಒಳ್ಳೆಯದು. ಆದರೆ ನಮ್ಮ ಸೀಮೆಗೆ ಅದು ಹಾಗೆಯೇ ಒಗ್ಗುವುದಿಲ್ಲ. ಫೋಟೊ ಕೂಡಿಸುವ ತಿಂಗಳು ಸೆಪ್ಟೆಂಬರ್, ಆಲಮಟ್ಟಿ ತುಂಬಿರುವ ಕಾಲ. ಕೃಷ್ಣೆ-ಘಟಪ್ರಭೆ ಕೂಡುವ ಚಿಕ್ಕಸಂಗಮದಲ್ಲಿ ಆಗ ಎತ್ತ ನೋಡಿದರೂ ನೀರು. ಹಿನ್ನೀರಿನ ಅಂಚಿನಲ್ಲಿ ಇರುವುದನ್ನು ನೋಡಬೇಕಾದರೆ ಏಪ್ರಿಲ್, ಮೇ ತಿಂಗಳ ಬಿಸಿಲಿಗೇ ಹೋಗಬೇಕು.

ಇಂಥ ಪಟ್ಟಿಗಳಲ್ಲಿ ತಪ್ಪುಗಳೂ ಸುಲಭವಾಗಿ ನುಸುಳುತ್ತವೆ. ಬಿಳಗಿ ಎಂಬ ಇನ್ನೊಂದು ಊರು ಉತ್ತರ ಕನ್ನಡದ ಸಿದ್ದಾಪುರ ತಾಲ್ಲೂಕಿನಲ್ಲಿದೆ, ಅಲ್ಲಿ ರತ್ನತ್ರಯ ಬಸದಿ ಇದೆ. ಇಂಗ್ಲಿಷ್ ಅಕ್ಷರಗಳಲ್ಲಿ ಎರಡೂ ಒಂದೇ. ಇನ್ನೊಂದು ತೊಡಕು ಮುಳುಗಡೆಯಿಂದಲೇ ಹುಟ್ಟಿದ್ದು. ಪುನರ್ವಸತಿ ಕೇಂದ್ರಕ್ಕೆ ಹೋದ ಊರು ಹಳೆಯ ಹೆಸರನ್ನು ಒಯ್ದಿರುತ್ತದೆ, ಕಲ್ಲು ಹಳೆಯ ಜಾಗದಲ್ಲೇ ಇರುತ್ತದೆ. ಬರೀ ಹೆಸರು ನಂಬಿ ನಕ್ಷೆಯಲ್ಲಿ ಚುಕ್ಕೆ ಇಟ್ಟರೆ ಅದು ಹೊಸ ಊರಿನ ಮೇಲೆ ಬೀಳುತ್ತದೆ. ಬೇರೆ ಕಡೆ ಇಂಥ ತಪ್ಪನ್ನು ಮತ್ತೊಬ್ಬರು ಹೋಗಿ ನೋಡಿ ತಿದ್ದಬಹುದು. ಇಲ್ಲಿ ನೀರು ನಿಂತ ಮೇಲೆ ತಪ್ಪು ಶಾಶ್ವತ.

ನೀರಿನಡಿ ಕಲ್ಲು ಭದ್ರವಾಗಿ ಇರುತ್ತದಲ್ಲ ಎನ್ನುವವರಿದ್ದಾರೆ. ಸದಾ ನೀರೊಳಗೇ ಇದ್ದರೆ ಆ ಮಾತಿನಲ್ಲಿ ಸ್ವಲ್ಪ ನಿಜವಿದೆ. ಜಲಾಶಯದ ಅಂಚಿನಲ್ಲಿ ಹಾಗಾಗುವುದಿಲ್ಲ. ಮಳೆಗಾಲದಲ್ಲಿ ಕಲ್ಲಿನ ಸೂಕ್ಷ್ಮ ರಂಧ್ರಗಳಿಗೆ ನೀರಿನೊಡನೆ ಕರಗಿದ ಲವಣವೂ ಇಳಿಯುತ್ತದೆ. ಬೇಸಿಗೆಯಲ್ಲಿ ನೀರು ಆರಿ, ಲವಣ ಹರಳುಗಟ್ಟಿ, ಒಳಗಿನಿಂದ ಕಣಗಳನ್ನು ದೂಡುತ್ತದೆ. ವರ್ಷಕ್ಕೊಮ್ಮೆ ಹೀಗಾದರೆ ಮೇಲ್ಪದರ ಹಕ್ಕಳೆಯಾಗಿ ಉದುರುತ್ತದೆ. ಈ ಭಾಗದ ಕಲಾದಗಿ ಸ್ತರದ ಮರಳುಗಲ್ಲಿಗೂ ಈ ಅಪಾಯ ತಪ್ಪಿದ್ದಲ್ಲ. ಶಾಸನದ ಅಕ್ಷರ ಇರುವುದೇ ಆ ಮೇಲ್ಪದರದಲ್ಲಿ. ಮೇಲೆ ಹೂಳು, ಅಲೆಯ ಹೊಡೆತ ಬೇರೆ.

ಪಟ್ಟಿ ಮೊದಲೇ ಇದ್ದರೆ ಏನಾಗುತ್ತದೆ ಎಂಬುದಕ್ಕೆ ಪುರಾವೆ ದೂರವಿಲ್ಲ. ಇದೇ ಕೃಷ್ಣೆಯ ಕೆಳಹರಿವಿನಲ್ಲಿ ಶ್ರೀಶೈಲ ಜಲಾಶಯಕ್ಕೆ ಸಿಲುಕಲಿದ್ದ ಕೂಡವೆಲ್ಲಿಯ ಸಂಗಮೇಶ್ವರ ಗುಡಿಯನ್ನು ಕಲ್ಲುಕಲ್ಲಾಗಿ ಬಿಚ್ಚಿ ಅಲಂಪುರದಲ್ಲಿ ಮತ್ತೆ ಕಟ್ಟಿದರು. ಕೂಡಲಸಂಗಮದಲ್ಲಿ ಬಸವಣ್ಣನವರ ಐಕ್ಯ ಮಂಟಪದ ಸುತ್ತ ಬಾವಿಯಂತೆ ಗೋಡೆ ಎಬ್ಬಿಸಿ ಹಿನ್ನೀರನ್ನು ತಡೆದರು. ಬೆಂಗಳೂರಿನಲ್ಲಿ ಮಿಥಿಕ್ ಸೊಸೈಟಿ ಶಾಸನಗಳನ್ನು ಮೂರು ಆಯಾಮದಲ್ಲಿ ಸ್ಕ್ಯಾನ್ ಮಾಡುತ್ತಿದೆ. ಅಲ್ಲಿ ಯಾವ ಕಲ್ಲು ಕಾಣೆಯಾಗಿದೆ ಎಂದು ಹೇಳಲು ಸಾಧ್ಯವಾದದ್ದು 1905ರಲ್ಲಿ ಬಿ.ಎಲ್. ರೈಸ್ ಹೊರತಂದ ಎಪಿಗ್ರಾಫಿಯಾ ಕರ್ನಾಟಿಕ ಶಾಸನ ಸಂಪುಟದಿಂದ. ನಮ್ಮ ಸೀಮೆ ಮೈಸೂರು ಸಂಸ್ಥಾನದ ಹೊರಗಿತ್ತು, ರೈಸರ ಆ ಸರ್ವೇಕ್ಷಣೆ ಇಲ್ಲಿಗೆ ಬರಲಿಲ್ಲ.

ಮುಳುಗಡೆಯ ಮೋಜಣಿಗೆ ಬರುವ ಸಿಬ್ಬಂದಿ ಹೊಲದ ಬಾವಿ, ಪೈಪು, ಗಿಡಮರ ಎಲ್ಲವನ್ನೂ ಎಣಿಸಿ ಬರೆಯುತ್ತಾರೆ, ಅವಕ್ಕೆ ಮಾಲೀಕರಿದ್ದಾರೆ, ಪರಿಹಾರವಿದೆ. ಬದುವಿನ ವೀರಗಲ್ಲಿಗೆ ಮಾಲೀಕನಿಲ್ಲ. ಅದೇ ನಮೂನೆಯಲ್ಲಿ ಹಳೆಯ ಕಲ್ಲು, ಹಳೆಯ ಕಟ್ಟಡಕ್ಕೆಂದು ಒಂದು ಕಾಲಂ ಸೇರಿಸಲಿ. ಊರಿನ ಶಾಲೆ ಕಾಲೇಜುಗಳ ಹುಡುಗ ಹುಡುಗಿಯರು ಅದನ್ನೇ ಎಲ್ಲರಿಗೂ ತೆರೆದ ಪಟ್ಟಿಗೆ ಏರಿಸಲಿ: ಹಳೆಯ ಊರಿನ ಹೆಸರು, ಸರ್ವೇ ನಂಬರ್, ಮೊಬೈಲಿನಲ್ಲಿ ಸಿಗುವ ಅಕ್ಷಾಂಶ ರೇಖಾಂಶ, ಪಕ್ಕದಲ್ಲಿ ಅಳತೆಪಟ್ಟಿ ಇಟ್ಟು ತೆಗೆದ ನಾಲ್ಕು ಫೋಟೊ, ಆ ಕಲ್ಲಿನ ಬಗ್ಗೆ ಊರ ಹಿರಿಯರು ಹೇಳುವ ಎರಡು ಮಾತು. ನಿಮ್ಮ ಹೊಲದಲ್ಲಿ ಅಂಥ ಕಲ್ಲಿದ್ದರೆ ಮೋಜಣಿಯವರು ಬಂದ ದಿನ ಅದನ್ನೂ ತೋರಿಸಿ, ಬರೆಯಿಸಿ.