ಕಂತಿನ ಲೆಕ್ಕ ಗೊತ್ತು, ಸಾಲದ ಲೆಕ್ಕ?

ಗೃಹಸಾಲ ಕೇಳಿಕೊಂಡು ಬ್ಯಾಂಕಿಗೆ ಹೋದವರಿಗೆ ಮೊದಲು ಎದುರಾಗುವ ಪ್ರಶ್ನೆ, ‘ತಿಂಗಳಿಗೆ ಎಷ್ಟು ಕಟ್ಟಬಲ್ಲಿರಿ?’ ಸಂಬಳದ ಚೀಟಿ, ವಯಸ್ಸು, ಈಗಿರುವ ಸಾಲ, ಸಿಬಿಲ್ ಸ್ಕೋರ್ ಎಲ್ಲ ನೋಡಿ ಅಧಿಕಾರಿ ಒಂದು ಮೊತ್ತ ಹೇಳುತ್ತಾರೆ. ಗಂಡ ಹೆಂಡತಿ ಮುಖ ಮುಖ ನೋಡಿಕೊಳ್ಳುತ್ತಾರೆ. ಈಗಿನ ಬಾಡಿಗೆಯೇ ಇಪ್ಪತ್ತೈದು ಸಾವಿರ. ಅದರ ಮೇಲೆ ಇನ್ನು ಹದಿನೆಂಟು ಸಾವಿರ ಚಿಲ್ಲರೆ ಹೊಂದಿಸಿಕೊಂಡರೆ ಸ್ವಂತ ಮನೆ. ‘ಆಗುತ್ತೆ ಸರ್’ ಎನ್ನುತ್ತಾರೆ. ಸಾಲ ತೀರುವ ಹೊತ್ತಿಗೆ ಒಟ್ಟು ಎಷ್ಟು ಕಟ್ಟಿರುತ್ತೇವೆ ಎಂದು ಮಾತ್ರ ಇವರೂ ಕೇಳುವುದಿಲ್ಲ, ಅವರೂ ಹೇಳುವುದಿಲ್ಲ.

ಉತ್ತರ ತಿಳಿಯಲು ದೊಡ್ಡ ಗಣಿತವೇನೂ ಬೇಕಿಲ್ಲ. ಬೆಂಗಳೂರಿನಲ್ಲಿ 65 ಲಕ್ಷ ರೂಪಾಯಿಯ ಒಂದು ಫ್ಲ್ಯಾಟ್, ಅದಕ್ಕೆ 50 ಲಕ್ಷ ಸಾಲ, ಬಡ್ಡಿ ಶೇ 8.5, ಅವಧಿ 20 ವರ್ಷ ಎಂದಿಟ್ಟುಕೊಳ್ಳಿ. ತಿಂಗಳ ಕಂತು, ಅಂದರೆ ಇಎಂಐ, 43,391 ರೂಪಾಯಿ. ಅದನ್ನು 240 ತಿಂಗಳಿಗೆ ಗುಣಿಸಿದರೆ 1.04 ಕೋಟಿ. ಪಡೆದದ್ದು 50 ಲಕ್ಷ, ಅದರ ಮೇಲೆ ಬಡ್ಡಿಯೆಂದೇ ಕೊಟ್ಟದ್ದು 54 ಲಕ್ಷ. ಕೈಯಿಂದ ಹಾಕಿದ 15 ಲಕ್ಷವನ್ನೂ ಸೇರಿಸಿದರೆ 65 ಲಕ್ಷದ ಮನೆಗೆ ಆ ಕುಟುಂಬ ತೆತ್ತ ಬೆಲೆ ಸುಮಾರು 1.19 ಕೋಟಿ.

240 ಕಂತುಗಳ ಪಟ್ಟಿ

ಸಾಲ ಮಂಜೂರಾದಾಗ ಬ್ಯಾಂಕು ಮರುಪಾವತಿಯ ಪಟ್ಟಿಯನ್ನು ಕೊಡುತ್ತದೆ. ಪ್ರತಿ ತಿಂಗಳ ಕಂತಿನಲ್ಲಿ ಅಸಲಿಗೆ ಎಷ್ಟು, ಬಡ್ಡಿಗೆ ಎಷ್ಟು, ಉಳಿದ ಬಾಕಿ ಎಷ್ಟು ಎಂಬುದೆಲ್ಲ ಅದರಲ್ಲಿರುತ್ತದೆ. ಬಹುತೇಕ ಮನೆಗಳಲ್ಲಿ ಈ ಹಾಳೆಗಳು ಕಡತದೊಳಗೆ ಸೇರಿದವು ಮತ್ತೆ ಹೊರಗೆ ಬರುವುದಿಲ್ಲ. ಒಮ್ಮೆ ತೆಗೆದು ನೋಡಬೇಕು.

ಮೊದಲ ತಿಂಗಳ ಕಂತು 43,391ರಲ್ಲಿ ಬಡ್ಡಿ 35,417, ಅಸಲು 7,974. ಬಡ್ಡಿ ಲೆಕ್ಕವಾಗುವುದು ಉಳಿದ ಬಾಕಿಯ ಮೇಲೆ. ಆರಂಭದಲ್ಲಿ ಬಾಕಿ ದೊಡ್ಡದು, ಹಾಗಾಗಿ ಬಡ್ಡಿಯೂ ದೊಡ್ಡದು. ಅಸಲು ಕರಗಿದಂತೆ ಬಡ್ಡಿಯ ಪಾಲು ಇಳಿಯುತ್ತದೆ, ಆದರೆ ಬಲು ನಿಧಾನವಾಗಿ. ಅರವತ್ತನೇ ಕಂತಿನ ಮುಂದೆ ನಿಂತು ನೋಡಿ: ಐದು ವರ್ಷದಲ್ಲಿ ಕಟ್ಟಿದ್ದು 26 ಲಕ್ಷ, ಉಳಿದಿರುವ ಬಾಕಿ ಇನ್ನೂ 44 ಲಕ್ಷ. ಸಾಲದಲ್ಲಿ ಇಳಿದದ್ದು ಆರು ಲಕ್ಷಕ್ಕೂ ಕಡಿಮೆ. ಕಂತಿನಲ್ಲಿ ಅಸಲಿನ ಪಾಲು ಬಡ್ಡಿಯ ಪಾಲನ್ನು ದಾಟುವುದು 143ನೇ ತಿಂಗಳಲ್ಲಿ, ಅಂದರೆ ಹನ್ನೆರಡನೇ ವರ್ಷದ ಕೊನೆಗೆ. ಸಾಲ ಅರ್ಧಕ್ಕೆ ಇಳಿಯಲು ಸುಮಾರು ಹದಿನಾಲ್ಕು ವರ್ಷ ಬೇಕು.

ಐದಾರು ವರ್ಷ ಕಟ್ಟಿ, ಬೇರೆ ಊರಿಗೆ ವರ್ಗವಾಯಿತೆಂದೋ ದೊಡ್ಡ ಮನೆ ಬೇಕೆಂದೋ ಮಾರಲು ಹೊರಟವರಿಗೆ ಆಘಾತವಾಗುವುದು ಇಲ್ಲಿಯೇ. ಇಷ್ಟು ವರ್ಷ ಕಟ್ಟಿದ್ದೆಲ್ಲ ಎಲ್ಲಿ ಹೋಯಿತು ಎಂದು ಕೇಳುತ್ತಾರೆ. ಇಲ್ಲಿ ಮೋಸವೇನೂ ಇಲ್ಲ, ಸಾಲದ ಲೆಕ್ಕ ಇರುವುದೇ ಹೀಗೆ. ಸಹಿ ಹಾಕುವ ಮೊದಲು ಅದನ್ನು ಬಿಡಿಸಿ ಹೇಳುವವರು ಇರಲಿಲ್ಲ, ಅಷ್ಟೆ.

ಅವಧಿ ಹಿಗ್ಗಿದಂತೆ

ಕಂತು ಭಾರವೆನಿಸಿದರೆ ‘30 ವರ್ಷಕ್ಕೆ ಹಾಕಿಕೊಳ್ಳಿ’ ಎಂಬ ಸಲಹೆ ತಕ್ಷಣ ಬರುತ್ತದೆ. ಅದೇ 50 ಲಕ್ಷ, ಅದೇ ಶೇ 8.5. ಕಂತು 38,446ಕ್ಕೆ ಇಳಿಯುತ್ತದೆ. ತಿಂಗಳಿಗೆ ಉಳಿದದ್ದು ಐದು ಸಾವಿರ ರೂಪಾಯಿಗೂ ಕಡಿಮೆ. ಆದರೆ ಒಟ್ಟು ಬಡ್ಡಿ 54 ಲಕ್ಷದಿಂದ 88 ಲಕ್ಷಕ್ಕೆ ಏರುತ್ತದೆ. ಬದಲಿಗೆ 15 ವರ್ಷಕ್ಕೆ ಇಳಿಸಿದರೆ ಕಂತು 49,237, ಒಟ್ಟು ಬಡ್ಡಿ 38.6 ಲಕ್ಷ. ತಿಂಗಳಿಗೆ ಆರು ಸಾವಿರ ಹೆಚ್ಚು ಕಟ್ಟಿದವರು ಹದಿನೈದು ಲಕ್ಷ ಉಳಿಸುತ್ತಾರೆ, ಐದು ವರ್ಷ ಮೊದಲೇ ಸಾಲಮುಕ್ತರೂ ಆಗುತ್ತಾರೆ.

ಬಡ್ಡಿದರದಲ್ಲಿ ಕಾಲು ಪರ್ಸೆಂಟ್ ಕಡಿಮೆ ಮಾಡಿಸಲು ನಾಲ್ಕು ಬ್ಯಾಂಕು ಸುತ್ತುವವರು ಅವಧಿಯ ವಿಷಯದಲ್ಲಿ ಒಂದು ಮಾತೂ ಆಡದೆ ಒಪ್ಪಿಕೊಳ್ಳುತ್ತಾರೆ. ದರ ಮುಖ್ಯವೇ. ಶೇ 8.5ರ ಬದಲು ಶೇ 9.5 ಆದರೆ ಇದೇ ಸಾಲದ ಮೇಲೆ 20 ವರ್ಷದಲ್ಲಿ 7.7 ಲಕ್ಷ ಹೆಚ್ಚು ಕಟ್ಟಬೇಕಾಗುತ್ತದೆ. ಬಿ ಖಾತಾ ಸ್ವತ್ತಿಗೆ ಸಾಲ ಕೊಡಲು ಅನೇಕ ಬ್ಯಾಂಕುಗಳು ಹಿಂಜರಿಯುತ್ತವೆ. ಆಗ ಹೆಚ್ಚು ಬಡ್ಡಿಯ ಫೈನಾನ್ಸ್ ಕಂಪನಿಗಳ ಬಾಗಿಲು ತಟ್ಟುವವರು ಈ ವ್ಯತ್ಯಾಸವನ್ನು ನಿವೇಶನದ ಬೆಲೆಗೇ ಸೇರಿಸಿ ನೋಡಬೇಕು. ಆದರೂ ದರಕ್ಕಿಂತ ದೊಡ್ಡ ಪೆಟ್ಟು ಕೊಡುವುದು ಅವಧಿ.

ದರ ಏರಿದಾಗ ಕಂತು ಏರದಿದ್ದರೆ

ನಮ್ಮಲ್ಲಿ ಬಹುತೇಕ ಗೃಹಸಾಲಗಳು ಫ್ಲೋಟಿಂಗ್ ದರದವು. ಬ್ಯಾಂಕುಗಳು ಹೊಸದಾಗಿ ಕೊಡುವ ಇಂಥ ಸಾಲಗಳ ದರವನ್ನು ರೆಪೊದಂತಹ ಹೊರಗಿನ ಮಾನದಂಡಕ್ಕೆ ಜೋಡಿಸಬೇಕೆಂದು ರಿಸರ್ವ್ ಬ್ಯಾಂಕ್ ಆದೇಶಿಸಿದ್ದು 2019ರ ಅಕ್ಟೋಬರ್ 1ರಿಂದ. ಮೂರು ತಿಂಗಳಿಗೊಮ್ಮೆಯಾದರೂ ದರ ಪರಿಷ್ಕರಣೆ ಆಗಲೇಬೇಕು. ದರ ಇಳಿದಾಗ ಇದರಿಂದ ಲಾಭ. ಏರಿದಾಗ ಏನಾಗುತ್ತದೆ ಎಂಬುದನ್ನು 2022 ತೋರಿಸಿಕೊಟ್ಟಿತು.

ಆ ವರ್ಷದ ಮೇ ತಿಂಗಳಲ್ಲಿ ಶೇ 4ರಷ್ಟಿದ್ದ ರೆಪೊ ದರ 2023ರ ಫೆಬ್ರವರಿ ಹೊತ್ತಿಗೆ ಶೇ 6.5 ಆಯಿತು. ಏರಿಕೆ ಶುರುವಾಗುವ ಮುನ್ನ ಶೇ 7ರ ದರದಲ್ಲಿ 20 ವರ್ಷಕ್ಕೆ 50 ಲಕ್ಷ ಸಾಲ ಪಡೆದವರ ಕಂತು 38,765. ದರ ಶೇ 9.5 ಆದಾಗ ಆ ಸಾಲದ ತಿಂಗಳ ಬಡ್ಡಿಯೇ 39 ಸಾವಿರ ದಾಟಿತು. ಹಳೆಯ ಕಂತನ್ನೇ ಕಟ್ಟುತ್ತಾ ಹೋದರೆ ಬಡ್ಡಿಯೂ ಪೂರ್ತಿ ತೀರುವುದಿಲ್ಲ, ಅಸಲು ಇಳಿಯುವ ಬದಲು ಬೆಳೆಯುತ್ತದೆ. ಎಷ್ಟೋ ಸಾಲಗಾರರಿಗೆ ಕಂತು ಬದಲಾಗಲಿಲ್ಲ ಎಂಬುದಷ್ಟೇ ಕಂಡಿತು, ಅವಧಿ ಸದ್ದಿಲ್ಲದೆ ಬೆಳೆದದ್ದು ಕಾಣಲಿಲ್ಲ.

ದೂರುಗಳು ಬಂದ ಮೇಲೆ 2023ರ ಆಗಸ್ಟ್‌ನಲ್ಲಿ ರಿಸರ್ವ್ ಬ್ಯಾಂಕ್ ನಿಯಮ ಬಿಗಿ ಮಾಡಿತು. ದರ ಬದಲಾದಾಗ ಕಂತಿನ ಮೇಲೆ, ಅವಧಿಯ ಮೇಲೆ ಏನು ಪರಿಣಾಮ ಎಂದು ಬ್ಯಾಂಕು ಸಾಲಗಾರರಿಗೆ ತಿಳಿಸಬೇಕು. ಕಂತು ಏರಿಸುವುದೋ, ಅವಧಿ ಹೆಚ್ಚಿಸುವುದೋ, ಎರಡನ್ನೂ ಸ್ವಲ್ಪ ಸ್ವಲ್ಪ ಮಾಡುವುದೋ ಎಂಬ ಆಯ್ಕೆ ಸಾಲಗಾರರದ್ದು. ಅವಧಿ ಹೆಚ್ಚಿಸಿದ ಮೇಲೂ ಕಂತಿನಿಂದ ಬಡ್ಡಿ ತೀರದ ಸ್ಥಿತಿ ಬರಕೂಡದು. ಈವರೆಗೆ ವಸೂಲಾದ ಅಸಲು, ಬಡ್ಡಿ, ಉಳಿದ ಕಂತುಗಳ ಸಂಖ್ಯೆ ಇರುವ ವಿವರಪಟ್ಟಿಯನ್ನು ಮೂರು ತಿಂಗಳಿಗೊಮ್ಮೆ ಕೊಡಬೇಕು. ಈ ಪಟ್ಟಿ ಬಂದಾಗ ‘ಉಳಿದ ಕಂತುಗಳು’ ಎಂಬ ಕಡೆ ಮೊದಲು ಕಣ್ಣು ಹಾಯಿಸಿ. ಹಿಂದಿನ ಪಟ್ಟಿಗಿಂತ ಅದು ಹೆಚ್ಚಾಗಿದ್ದರೆ ಶಾಖೆಗೆ ಹೋಗಿ ವಿಚಾರಿಸಲೇಬೇಕು.

ದರ ಇಳಿದಾಗಲೂ ಅಷ್ಟೇ ಎಚ್ಚರ ಬೇಕು. 2025ರಲ್ಲಿ ರೆಪೊ ಹಲವು ಬಾರಿ ಇಳಿಯಿತು. ಇಂಥ ಹೊತ್ತಿನಲ್ಲಿ ಕಂತು ಕಡಿಮೆ ಮಾಡಿಸಿಕೊಳ್ಳುವ ಆಸೆ ಸಹಜ. ನಮ್ಮ ಉದಾಹರಣೆಯ ಸಾಲ ಆರಂಭದಲ್ಲೇ ಶೇ 7.5ಕ್ಕೆ ಇಳಿದರೆ ಕಂತು 3,111 ರೂಪಾಯಿ ಕಡಿಮೆಯಾಗುತ್ತದೆ. ಆದರೆ ಹಳೆಯ ಕಂತನ್ನೇ ಮುಂದುವರಿಸಿದರೆ ಸಾಲ ಸುಮಾರು 17 ವರ್ಷಕ್ಕೇ ಮುಗಿಯುತ್ತದೆ, ಎಂಟು ಲಕ್ಷದಷ್ಟು ಉಳಿಯುತ್ತದೆ.

ಕಂತಿನಾಚೆಯ ಖರ್ಚು

ಮನೆಯ ಬೆಲೆಯಷ್ಟನ್ನೂ ಬ್ಯಾಂಕು ಕೊಡುವುದಿಲ್ಲ. 30 ಲಕ್ಷದಿಂದ 75 ಲಕ್ಷದವರೆಗಿನ ಸಾಲವಾದರೆ ಆಸ್ತಿಯ ಮೌಲ್ಯದ ಶೇ 80ರವರೆಗೆ ಮಾತ್ರ. ಮುದ್ರಾಂಕ, ನೋಂದಣಿ ಶುಲ್ಕಗಳನ್ನು ಆ ಮೌಲ್ಯಕ್ಕೆ ಸಾಮಾನ್ಯವಾಗಿ ಸೇರಿಸುವುದಿಲ್ಲ. ಕರ್ನಾಟಕದಲ್ಲಿ 45 ಲಕ್ಷ ಮೀರಿದ ಆಸ್ತಿಗೆ ಮುದ್ರಾಂಕ ಶುಲ್ಕ ಶೇ 5. ಅದರ ಮೇಲೆ ಸೆಸ್, ಸರ್‌ಚಾರ್ಜ್ ಸೇರಿ ನಗರಗಳಲ್ಲಿ ಶೇ 5.6. ನೋಂದಣಿ ಶುಲ್ಕ 2025ರ ಆಗಸ್ಟ್ 31ರಿಂದ ಶೇ 1ರ ಬದಲು ಶೇ 2. ಹಾಗಾಗಿ 65 ಲಕ್ಷದ ಫ್ಲ್ಯಾಟಿಗೆ ಉಪ ನೋಂದಣಾಧಿಕಾರಿ ಕಚೇರಿಯಲ್ಲೇ ಸುಮಾರು ಐದು ಲಕ್ಷ ಖರ್ಚು. ಕಟ್ಟಡ ಇನ್ನೂ ನಿರ್ಮಾಣ ಹಂತದಲ್ಲಿದ್ದರೆ ಈ ಬೆಲೆಯ ಫ್ಲ್ಯಾಟಿಗೆ ಶೇ 5 ಜಿಎಸ್‌ಟಿ ಬೇರೆ.

ನಿರ್ಮಾಣ ಹಂತದ ಮನೆಯಲ್ಲಿ ಇನ್ನೊಂದು ಹೊರೆಯಿದೆ. ಬಿಲ್ಡರಿಗೆ ಹಣ ಹಂತ ಹಂತವಾಗಿ ಬಿಡುಗಡೆಯಾಗುವಾಗ ಅಷ್ಟಕ್ಕೆ ಬಡ್ಡಿಯನ್ನಷ್ಟೇ ಕಟ್ಟಿಸಿಕೊಳ್ಳುವುದುಂಟು. ಇದೇ ಪ್ರೀ ಇಎಂಐ. ಎಷ್ಟು ವರ್ಷ ಕಟ್ಟಿದರೂ ಅಸಲು ಒಂದು ರೂಪಾಯಿಯೂ ಇಳಿಯುವುದಿಲ್ಲ. ಮನೆ ಕೈಗೆ ಬರುವುದು ಎರಡು ವರ್ಷ ತಡವಾದರೆ ಅತ್ತ ಬಾಡಿಗೆ, ಇತ್ತ ಬಡ್ಡಿ. ಮನೆಯ ನಿಜವಾದ ಬೆಲೆಯಲ್ಲಿ ಇದೂ ಸೇರುತ್ತದೆ.

ಸಾಲದ ಜೊತೆಗೇ ಮಾರುವ ವಿಮೆಯನ್ನೂ ಗಮನಿಸಬೇಕು. ಪೂರ್ತಿ ಪ್ರೀಮಿಯಂ ಒಂದೇ ಬಾರಿ ಕಟ್ಟುವ ಪಾಲಿಸಿ ಕೊಟ್ಟು, ಆ ಮೊತ್ತವನ್ನೂ ಸಾಲಕ್ಕೇ ಸೇರಿಸುತ್ತಾರೆ. ಒಂದು ಲಕ್ಷದ ಪ್ರೀಮಿಯಂಗೆ 20 ವರ್ಷದಲ್ಲಿ 2.08 ಲಕ್ಷ ಕಟ್ಟಿದಂತಾಗುತ್ತದೆ. ದುಡಿಯುವವರಿಗೆ ಏನಾದರೂ ಆದರೆ ಮನೆ ಕೈತಪ್ಪಬಾರದು, ಹಾಗಾಗಿ ಜೀವವಿಮೆ ಬೇಕೇ ಬೇಕು. ಆದರೆ ಅದನ್ನು ಟರ್ಮ್ ಪಾಲಿಸಿಯಾಗಿ ಪ್ರತ್ಯೇಕವಾಗಿ, ನಿಮಗೆ ಬೇಕಾದ ಕಂಪನಿಯಲ್ಲಿ ಮಾಡಿಸಿಕೊಳ್ಳಬಹುದು.

‘ತೆರಿಗೆಯಲ್ಲಿ ಉಳಿಯುತ್ತಲ್ಲ’ ಎಂಬ ಸಮಾಧಾನವೂ ಪೂರ್ತಿ ನಿಜವಲ್ಲ. ವಾಸಕ್ಕಿರುವ ಮನೆಯ ಸಾಲದ ಬಡ್ಡಿಗೆ ಹಳೆಯ ತೆರಿಗೆ ಪದ್ಧತಿಯಲ್ಲಿ ಸಿಗುವ ವಿನಾಯಿತಿ ವರ್ಷಕ್ಕೆ ಗರಿಷ್ಠ 2 ಲಕ್ಷ. ನಮ್ಮ ಉದಾಹರಣೆಯಲ್ಲಿ ಮೊದಲ ವರ್ಷದ ಬಡ್ಡಿಯೇ 4.2 ಲಕ್ಷ. ಶೇ 30ರ ಹಂತದಲ್ಲಿರುವವರಿಗೂ ಇದರಿಂದ ಉಳಿಯುವುದು ಅರವತ್ತು ಸಾವಿರದ ಆಸುಪಾಸು. ಹೊಸ ಪದ್ಧತಿಗೆ ಹೋದವರಿಗೆ ಅದೂ ಇಲ್ಲ.

ಬೇಗ ಕಟ್ಟಿದ ಎರಡು ಲಕ್ಷ

ಇಷ್ಟೆಲ್ಲ ಓದಿ ಸಾಲ ಮಾಡಿ ಮನೆ ಕೊಳ್ಳುವುದೇ ತಪ್ಪೆಂದು ಯಾರೂ ತಿಳಿಯಬಾರದು. ಬಾಡಿಗೆಯೂ ವರ್ಷ ವರ್ಷ ಏರುತ್ತದೆ. ಇಂದು ಭಾರವೆನಿಸುವ 43 ಸಾವಿರ, ಸಂಬಳ ಬೆಳೆದಂತೆ ಹತ್ತು ವರ್ಷದ ಮೇಲೆ ಅಷ್ಟು ಭಾರವಾಗಿರುವುದಿಲ್ಲ. ಮಕ್ಕಳ ಶಾಲೆ ಬದಲಿಸದೆ, ಮಾಲೀಕರ ಮಾತಿಗೆ ಕಾಯದೆ ಬಾಳುವ ನೆಮ್ಮದಿಗೆ ಬೆಲೆ ಕಟ್ಟಲಾಗದು. ಸಾಲ ಬೇಕು, ಆದರೆ ಅದನ್ನು ಬೇಗ ತೀರಿಸುವ ದಾರಿ ಗೊತ್ತಿರಬೇಕು.

ಆ ದಾರಿ ತೆರೆದೇ ಇದೆ. ಫ್ಲೋಟಿಂಗ್ ದರದ ಗೃಹಸಾಲವನ್ನು ಅವಧಿಗೆ ಮೊದಲೇ ತೀರಿಸುವ ವ್ಯಕ್ತಿಗಳಿಗೆ ಬ್ಯಾಂಕುಗಳು ದಂಡ ಹಾಕುವಂತಿಲ್ಲ ಎಂದು ರಿಸರ್ವ್ ಬ್ಯಾಂಕ್ 2012ರಲ್ಲೇ ಹೇಳಿದೆ. ಬೋನಸ್ ಬಂದಾಗ, ಊರಿನ ಜಮೀನಿನ ಅಡಿಕೆ ಮಾರಿದಾಗ, ಹಳೆಯ ಚೀಟಿ ಕೈಗೆ ಬಂದಾಗ ಅದರಲ್ಲೊಂದು ಪಾಲನ್ನು ಅಸಲಿಗೆ ಹಾಕಬಹುದು. ಯಾವಾಗ ಹಾಕುತ್ತೀರಿ ಎಂಬುದರ ಮೇಲೆ ಲಾಭ ನಿಂತಿದೆ. ಮೊದಲ ವರ್ಷದ ಕೊನೆಗೆ ಎರಡು ಲಕ್ಷ ಹೆಚ್ಚುವರಿಯಾಗಿ ಕಟ್ಟಿ, ಕಂತನ್ನು ಹಾಗೇ ಇಟ್ಟುಕೊಂಡರೆ 21 ಕಂತುಗಳು ಕಡಿಮೆಯಾಗುತ್ತವೆ, ಬಡ್ಡಿಯಲ್ಲಿ ಉಳಿಯುವುದು ಏಳು ಲಕ್ಷಕ್ಕೂ ಹೆಚ್ಚು. ಅದೇ ಎರಡು ಲಕ್ಷವನ್ನು ಹದಿನೈದು ವರ್ಷ ಮುಗಿದ ಮೇಲೆ ಕಟ್ಟಿದರೆ ಉಳಿಯುವುದು ಸುಮಾರು ಒಂದು ಲಕ್ಷ ಮಾತ್ರ.

ದೊಡ್ಡ ಮೊತ್ತ ಇಲ್ಲದವರಿಗೂ ಉಪಾಯವಿದೆ. ವರ್ಷಕ್ಕೆ ಒಂದೇ ಒಂದು ಕಂತು ಹೆಚ್ಚು ಕಟ್ಟಿದರೆ 20 ವರ್ಷದ ಸಾಲ ಅವಧಿಗಿಂತ ಮೂರು ವರ್ಷಕ್ಕೂ ಹೆಚ್ಚು ಮೊದಲೇ ಮುಗಿಯುತ್ತದೆ, ಹತ್ತು ಲಕ್ಷ ಉಳಿಯುತ್ತದೆ. ಸಂಬಳ ಏರಿದಂತೆ ಕಂತನ್ನೂ ವರ್ಷಕ್ಕೆ ಶೇ 5ರಷ್ಟು ಏರಿಸುತ್ತಾ ಹೋದರೆ ಸಾಲ ಹನ್ನೆರಡು ವರ್ಷ ದಾಟುತ್ತಿದ್ದಂತೆ ತೀರುತ್ತದೆ, ಉಳಿತಾಯ ಹತ್ತೊಂಬತ್ತು ಲಕ್ಷಕ್ಕೂ ಹೆಚ್ಚು. ಹಾಗೆಂದು ಕೈಯಲ್ಲಿರುವುದನ್ನೆಲ್ಲ ಸಾಲಕ್ಕೆ ಸುರಿಯಬಾರದು. ಆರು ತಿಂಗಳ ಮನೆಖರ್ಚು ಮತ್ತು ಕಂತಿಗೆ ಸಾಕಾಗುವಷ್ಟು ಹಣ, ಆರೋಗ್ಯ ವಿಮೆ, ಜೀವವಿಮೆ ಇವು ಮೊದಲು. ಕ್ರೆಡಿಟ್ ಕಾರ್ಡಿನಂತಹ ಹೆಚ್ಚು ಬಡ್ಡಿಯ ಸಾಲವಿದ್ದರೆ ಅದು ಇನ್ನೂ ಮೊದಲು.

ಹೆಚ್ಚುವರಿ ಹಣ ಕಟ್ಟುವಾಗ ‘ಕಂತು ಇಳಿಸಬೇಡಿ, ಅವಧಿ ಇಳಿಸಿ’ ಎಂದು ಬರೆದುಕೊಟ್ಟು, ಬದಲಾದ ಪಟ್ಟಿಯನ್ನು ಕೇಳಿ ಪಡೆಯಬೇಕು.

ಸಹಿ ಹಾಕುವ ಮುನ್ನ

2024ರ ಅಕ್ಟೋಬರ್ 1ರಿಂದ ಹೊಸ ಸಾಲಗಳಿಗೆ ಮುಖ್ಯಾಂಶಗಳ ಹೇಳಿಕೆ ಕೊಡುವುದು ಕಡ್ಡಾಯ. ಬಡ್ಡಿ, ಸಂಸ್ಕರಣಾ ಶುಲ್ಕ, ವಿಮೆ, ಕಾನೂನು ಪರಿಶೀಲನೆಯ ಶುಲ್ಕ ಎಲ್ಲ ಸೇರಿದ ವಾರ್ಷಿಕ ದರ, ಅಂದರೆ ಎಪಿಆರ್, ಅದರಲ್ಲಿರುತ್ತದೆ. ಎರಡು ಬ್ಯಾಂಕುಗಳನ್ನು ಹೋಲಿಸುವಾಗ ಜಾಹೀರಾತಿನ ದರ ಬಿಟ್ಟು ಈ ದರವನ್ನು ಪಕ್ಕಪಕ್ಕ ಇಟ್ಟು ನೋಡಿ. ಆ ಹೇಳಿಕೆಯಲ್ಲಿ ಇಲ್ಲದ ಶುಲ್ಕವನ್ನು ನಿಮ್ಮ ಸ್ಪಷ್ಟ ಒಪ್ಪಿಗೆಯಿಲ್ಲದೆ ಆಮೇಲೆ ಹೇರುವಂತಿಲ್ಲ. ಸಾಲ ಪೂರ್ತಿ ತೀರಿದ ಮೇಲೆ 30 ದಿನದೊಳಗೆ ಆಸ್ತಿಯ ಮೂಲ ದಾಖಲೆಗಳು ಕೈಸೇರಬೇಕು. ಬ್ಯಾಂಕಿನ ಕಾರಣದಿಂದ ತಡವಾದರೆ ದಿನಕ್ಕೆ 5,000 ರೂಪಾಯಿ ಪರಿಹಾರ ಕೊಡಬೇಕು. ದಾಖಲೆ ಬಂದ ಮೇಲೆ ಋಣಭಾರ ಪತ್ರ ತೆಗೆಸಿ, ಅಡಮಾನ ರದ್ದಾಗಿದೆಯೇ ಎಂದು ಖಚಿತಪಡಿಸಿಕೊಳ್ಳುವುದನ್ನು ಮರೆಯಬಾರದು.

ಇಷ್ಟು ರಕ್ಷಣೆ ಇಂದಿನ ಸಾಲಗಾರರಿಗೆ ಇದೆ, ಕೇಳುವವರು ಬೇಕು. ನೀವು ಎಷ್ಟು ಸಾಲಕ್ಕೆ ಅರ್ಹರು ಎಂಬುದನ್ನು ಬ್ಯಾಂಕು ಹೇಳಬಲ್ಲದು. ಎಷ್ಟು ಸಾಲ ನಿಮಗೆ ಬೇಕು, ಯಾವ ವಯಸ್ಸಿಗೆ ಅದು ತೀರಬೇಕು ಎಂಬುದನ್ನು ಅದು ಹೇಳಲಾರದು. ನಲವತ್ತರ ಹರೆಯದಲ್ಲಿ ಸಾಲಕ್ಕೆ ಹೊರಟವರು ನಿವೃತ್ತಿಯ ವರ್ಷದಿಂದ ಹಿಂದಕ್ಕೆ ಎಣಿಸಿ ಅವಧಿ ಗೊತ್ತುಮಾಡಿಕೊಳ್ಳಲಿ. ಆ ಅವಧಿಗೆ ಬರುವ ಕಂತು ಕೈಗೆಟುಕದಿದ್ದರೆ ಮನೆ ಸ್ವಲ್ಪ ಚಿಕ್ಕದಾಗಲಿ, ಇಲ್ಲವೇ ಮುಂಗಡ ಕೂಡುವವರೆಗೆ ಖರೀದಿ ಎರಡು ವರ್ಷ ಮುಂದೆ ಹೋಗಲಿ. ದುಡಿಮೆ ನಿಂತ ಮೇಲೂ ಕಂತು ನಿಲ್ಲದ ಸಾಲಕ್ಕಿಂತ ಇವೆರಡೂ ಎಷ್ಟೋ ಅಗ್ಗ.